ಮೊದಲ ಸೈನ್ಯಕ್ಕೆ ಯಾವ ಬಾಕ್ಸ್ ತಗೊಳ್ಳಲಿ?

ನಾನು ಮಿನಿಯೇಚರ್‌ಗಳಿಗೆ, ಅಂದರೆ ಪುಟ್ಟ ಯೋಧರ ಗೊಂಬೆಗಳಿಗೆ, ಬಣ್ಣ ಹಚ್ಚುತ್ತೇನೆ, ವಾರ್‌ಹ್ಯಾಮರ್ 40,000 ಅನ್ನುವ ಯುದ್ಧದ ಆಟ ಆಡುತ್ತೇನೆ ಅಂತ ಗೊತ್ತಾದವರು ಹೆಚ್ಚುಕಮ್ಮಿ ಎಲ್ಲರೂ ಕೇಳುವ ಪ್ರಶ್ನೆ ಒಂದೇ. "ನಾನೂ ಶುರು ಮಾಡಬೇಕು, ಮೊದಲು ಯಾವ ಬಾಕ್ಸ್ ತಗೊಳ್ಳಲಿ?" ಒಂದು ಹೆಸರು ಹೇಳಿಬಿಟ್ಟರೆ ಸಾಕು ಅನ್ನೋದು ಅವರ ಆಸೆ. ಆದರೆ ಹೆಸರು ಹೇಳುವ ಮೊದಲು ನಾನು ಎರಡು ವಿಷಯ ಕೇಳುತ್ತೇನೆ. ಯಾರ ಜೊತೆ ಆಡುತ್ತೀರಿ? ಯಾವ ಯೋಧನಿಗೆ ಇಪ್ಪತ್ತು ಸಲ ಬಣ್ಣ ಹಚ್ಚಿದರೂ ನಿಮಗೆ ಬೇಜಾರಾಗುವುದಿಲ್ಲ? ಇವೆರಡಕ್ಕೆ ಉತ್ತರ ಸಿಕ್ಕರೆ ಬಾಕ್ಸ್ ತಾನಾಗಿಯೇ ಗೊತ್ತಾಗುತ್ತದೆ.

ಹೊಸಬರಿಗಾಗಿ ಒಂದೆರಡು ಮಾತು. ವಾರ್‌ಹ್ಯಾಮರ್ 40,000 ಇಂಗ್ಲೆಂಡಿನ ನಾಟಿಂಗ್‌ಹ್ಯಾಮ್‌ನಲ್ಲಿರುವ ಗೇಮ್ಸ್ ವರ್ಕ್‌ಶಾಪ್ ಕಂಪನಿಯ ಆಟ. ಮೊದಲು ಬಂದದ್ದು 1987ರಲ್ಲಿ. ಪ್ಲಾಸ್ಟಿಕ್ ಬಿಡಿಭಾಗಗಳನ್ನು ನಾವೇ ಕತ್ತರಿಸಿ, ಜೋಡಿಸಿ, ಬಣ್ಣ ಹಚ್ಚಿ ಸೈನ್ಯ ಕಟ್ಟಬೇಕು. ಆಮೇಲೆ ಟೇಬಲ್ ಮೇಲೆ ಟೇಪ್ ಹಿಡಿದು ಇಂಚಿನ ಲೆಕ್ಕದಲ್ಲಿ ನಡೆಸಿ, ದಾಳ ಉರುಳಿಸಿ ಯುದ್ಧ. ಪ್ರತಿ ತುಕಡಿಗೂ ಇಷ್ಟು ಪಾಯಿಂಟ್ ಅಂತ ಇರುತ್ತದೆ. ದೊಡ್ಡ ಆಟಕ್ಕೆ ಒಬ್ಬೊಬ್ಬರ ಸೈನ್ಯ 2000 ಪಾಯಿಂಟ್‌ನದು, ಸಣ್ಣದಕ್ಕೆ 1000ದ್ದು.

ಈಗ ಮೊದಲ ಪ್ರಶ್ನೆ. ಇದು ಒಬ್ಬರೇ ಆಡುವ ಆಟ ಅಲ್ಲ. ನಿಮ್ಮ ಜೊತೆಗೆ ಇನ್ನೊಬ್ಬರೂ ಈಗಲೇ ಶುರು ಮಾಡುವವರಿದ್ದರೆ, ಅಣ್ಣನೋ ಗೆಳತಿಯೋ ಮಗನೋ ಯಾರಾದರೂ ಸರಿ, ಕಣ್ಣು ಮುಚ್ಚಿಕೊಂಡು ಸ್ಟಾರ್ಟರ್ ಸೆಟ್ ತಗೊಳ್ಳಿ. ಅದರಲ್ಲಿ ಒಂದಲ್ಲ, ಎರಡು ಸೈನ್ಯ ಇರುತ್ತವೆ. ದಾಳ, ಅಳತೆಗೋಲು, ಆಟ ಕಲಿಸುವ ಪುಸ್ತಕ ಎಲ್ಲ ಒಟ್ಟಿಗೇ ಬರುತ್ತವೆ. ಬಾಕ್ಸ್ ಬಿಚ್ಚಿ ಆಳಿಗೊಂದು ಸೈನ್ಯ ಹಂಚಿಕೊಂಡರೆ ಇಬ್ಬರೂ ಒಂದೇ ಹೆಜ್ಜೆಯಲ್ಲಿ ಕಲಿಯುತ್ತಾರೆ. ಒಬ್ಬರು ತುಂಬ ಮುಂದೆ, ಇನ್ನೊಬ್ಬರು ಹಿಂದೆ ಅಂತಾಗುವುದಿಲ್ಲ. ಇದು ಸಣ್ಣ ವಿಷಯ ಅಲ್ಲ. ಜೊತೆಗಾರರಿಲ್ಲದೆ ಅರ್ಧಕ್ಕೇ ನಿಂತುಹೋದ ಸೈನ್ಯಗಳನ್ನು ನಾನು ಬೇಕಾದಷ್ಟು ನೋಡಿದ್ದೇನೆ.

ಈ ಎರಡು ಸೈನ್ಯಗಳಲ್ಲಿ ಒಂದು ಯಾವಾಗಲೂ ಸ್ಪೇಸ್ ಮರೀನ್‌ಗಳದ್ದೇ, ಅಂದರೆ ಭಾರಿ ಕವಚ ತೊಟ್ಟ ಯೋಧರ ಬಣದ್ದೇ. ಎದುರಾಳಿಯಾಗಿ ಆಟದ ಬೇರೆ ಬೇರೆ ಬಣಗಳು ಬಂದಿವೆ. 1993ರ ಬಾಕ್ಸ್‌ನಲ್ಲಿ ಎದುರಾಳಿ ಆರ್ಕ್‌ಗಳು. 1998ರಲ್ಲಿ ಡಾರ್ಕ್ ಎಲ್ಡಾರ್, 2004ರಲ್ಲಿ ಟೈರನಿಡ್, 2008ರಲ್ಲಿ ಮತ್ತೆ ಆರ್ಕ್. 2017ರಲ್ಲಿ ಡೆತ್ ಗಾರ್ಡ್, 2020ರಲ್ಲಿ ನೆಕ್ರಾನ್, 2023ರಲ್ಲಿ ಮತ್ತೆ ಟೈರನಿಡ್. ಎದುರಾಳಿ ಬದಲಾದರು, ಮರೀನ್‌ಗಳು ಬದಲಾಗಲಿಲ್ಲ. ಇದರಿಂದ ಒಂದು ಅನುಕೂಲ ಇದೆ. ಸ್ಟಾರ್ಟರ್ ಸೆಟ್‌ಗಳ ಮರೀನ್‌ಗಳು ಹೇರಳವಾಗಿ ಸಿಗುತ್ತಾರೆ, ಸೆಕೆಂಡ್ ಹ್ಯಾಂಡ್‌ನಲ್ಲಂತೂ ಇನ್ನೂ ಜಾಸ್ತಿ. ಎದುರಿನ ಸೈನ್ಯ ಮಾತ್ರ ಬೇಕು, ಮರೀನ್ ಬೇಡ ಅನ್ನುವವರು ಸದಾ ಇರುತ್ತಾರಲ್ಲ, ಅವರು ಮಾರಿಬಿಡುತ್ತಾರೆ. ಮರೀನ್ ಸೈನ್ಯ ಕಟ್ಟುವ ಮನಸ್ಸಿದ್ದರೆ ಮೊದಲು ಆ ಕಡೆ ಹುಡುಕಿ.

2023ರಲ್ಲಿ ಆಟದ ನಿಯಮಗಳ ಹತ್ತನೇ ಆವೃತ್ತಿ ಬಂದಾಗ ಮೊದಲಿಗೆ ಬಂದದ್ದು ಲೆವಿಯಾಥನ್ ಅನ್ನುವ ದೊಡ್ಡ ಬಾಕ್ಸ್, 72 ಮಿನಿಯೇಚರ್. ಅದರ ಹಿಂದೆಯೇ ಮೂರು ಗಾತ್ರದ ಸ್ಟಾರ್ಟರ್ ಸೆಟ್‌ಗಳು ಬಂದವು. ತೀರಾ ಚಿಕ್ಕದಾದ ಇಂಟ್ರಡಕ್ಟರಿ ಸೆಟ್‌ನಲ್ಲಿ ಬರೀ 16 ಮಿನಿಯೇಚರ್, ಆದರೆ ಬಣ್ಣ, ಬ್ರಷ್, ಬಿಡಿಭಾಗ ಕತ್ತರಿಸುವ ಕ್ಲಿಪ್ಪರ್ ಕೂಡ ಇರುತ್ತವೆ. ಈ ಹವ್ಯಾಸ ನಿಮಗೆ ಒಗ್ಗುತ್ತದೋ ಇಲ್ಲವೋ ಅನ್ನುವ ಅನುಮಾನ ಇದ್ದರೆ ಇದೇ ಸರಿ. ಅನುಮಾನ ಇಲ್ಲದಿದ್ದರೆ ನಡುವಿನದು ತಗೊಳ್ಳಿ. ದೊಡ್ಡ ಬಾಕ್ಸ್ ನೋಡಿದರೆ ಲೆಕ್ಕದಲ್ಲಿ ಲಾಭ ಅನಿಸುತ್ತದೆ, ನಿಜ. ಆದರೆ ಬಣ್ಣ ಕಾಣದೆ ಬಾಕ್ಸ್‌ನಲ್ಲೇ ಕೂತ ಮಿನಿಯೇಚರ್‌ಗಳಿಂದ ಏನು ಲಾಭ?

ಸ್ಟಾರ್ಟರ್ ಸೆಟ್‌ನ ಮಿನಿಯೇಚರ್‌ಗಳು ಪುಶ್-ಫಿಟ್. ಅಂದರೆ ಒಂದು ಭಾಗದ ಗೂಟ ಇನ್ನೊಂದರ ತೂತಿಗೆ ಕೂರುತ್ತದೆ, ಅಂಟು ಬೇಕೇ ಬೇಕು ಅಂತಿಲ್ಲ. ಹೊಸಬರಿಗೆ ಇದು ದೊಡ್ಡ ಉಪಕಾರ. ಆದರೆ ನಿಲುವು, ಕೈಯಲ್ಲಿರುವ ಆಯುಧ ಎರಡೂ ಅಚ್ಚಿನಲ್ಲೇ ಗೊತ್ತಾಗಿರುತ್ತವೆ, ಬದಲಾಯಿಸೋಕೆ ಆಗಲ್ಲ. ಹಾಗಾಗಿ ಒಂದೇ ಸೆಟ್ಟನ್ನು ಎರಡು ಸಲ ಕೊಳ್ಳುವ ಯೋಚನೆಯನ್ನು ನಾನು ಒಪ್ಪುವುದಿಲ್ಲ. ಅದೇ ಕ್ಯಾಪ್ಟನ್ ಅದೇ ಭಂಗಿಯಲ್ಲಿ ಎರಡು ಸಲ ಬಂದು ನಿಲ್ಲುತ್ತಾನೆ. ಬೇರೆ ಭಂಗಿ, ಬೇರೆ ಆಯುಧ ಬೇಕಾದರೆ ಬಿಡಿ ತುಕಡಿಗಳ ಬಾಕ್ಸ್ ಇದ್ದೇ ಇವೆ.

ಇನ್ನು ಎರಡನೇ ಪ್ರಶ್ನೆ, ನನ್ನ ಪ್ರಕಾರ ಅಸಲಿ ಪ್ರಶ್ನೆ. ಎಷ್ಟು ತಲೆಗಳಿಗೆ ಬಣ್ಣ ಹಚ್ಚಬಲ್ಲಿರಿ? 2000 ಪಾಯಿಂಟ್ ತುಂಬಿಸಲು ಅಡೆಪ್ಟಸ್ ಕಸ್ಟೋಡೆಸ್ ಬಣಕ್ಕೆ ಮೂವತ್ತರ ಆಸುಪಾಸು ಯೋಧರು ಸಾಕು. ಮರೀನ್‌ಗಳಾದರೆ ಐವತ್ತು ಅರವತ್ತು. ಆರ್ಕ್, ಟೈರನಿಡ್, ಆಸ್ಟ್ರಾ ಮಿಲಿಟೇರಮ್‌ನ ಕಾಲಾಳು ಸೈನ್ಯ ಕಟ್ಟಹೊರಟರೆ ನೂರು ದಾಟುವುದು ಕಷ್ಟವೇ ಅಲ್ಲ. ಇಂಪೀರಿಯಲ್ ನೈಟ್ಸ್ ಬಣದಲ್ಲಿ ಬೆರಳೆಣಿಕೆಯಷ್ಟು ಭಾರಿ ಯಂತ್ರಗಳಷ್ಟೇ. ಹಾಗಾದರೆ ನೈಟ್ಸ್ ಸುಲಭ ಅಲ್ವಾ ಅಂತ ಕೇಳುತ್ತಾರೆ. ಹೊಸಬರಿಗೆ ನಾನು ಬೇಡ ಅನ್ನುತ್ತೇನೆ. ಒಂದೊಂದು ಯಂತ್ರವೇ ಅಷ್ಟೊಂದು ಪಾಯಿಂಟ್ ನುಂಗುವುದರಿಂದ ಸಣ್ಣ ಆಟಕ್ಕೆ ಅವು ಹೊಂದುವುದಿಲ್ಲ, ಎದುರಿನವರಿಗೂ ಖುಷಿ ಇರುವುದಿಲ್ಲ. ಸಣ್ಣ ಆಟ ಆಡದೆ ಕಲಿಯುವುದು ಹೇಗೆ?

ಆದರೆ ಬರೀ ತಲೆಲೆಕ್ಕ ಹಾಕಿದರೆ ಸಾಲದು. ಒಂದೊಂದಕ್ಕೆ ಎಷ್ಟು ಹೊತ್ತು ಹಿಡಿಯುತ್ತದೆ ಅನ್ನುವುದೂ ಇದೆ. ಒಬ್ಬ ಸ್ಪೇಸ್ ಮರೀನ್‌ನನ್ನು ತಗೊಳ್ಳಿ. ಕವಚಕ್ಕೆ ನೀಲಿ ಹಚ್ಚಿ, ಫಲಕಗಳ ನಡುವಿನ ಸಂದುಗಳಲ್ಲಿ ಕಪ್ಪು ವಾಶ್, ಅಂದರೆ ತಗ್ಗಿಗೆ ಹರಿಯುವ ತೆಳು ಬಣ್ಣ, ಇಳಿಸಿದಿರಿ ಅನ್ನಿ. ಅಲ್ಲಿಗೆ ಮುಗಿಯಲಿಲ್ಲ. ಎರಡೂ ಭುಜದ ಫಲಕಗಳ ಅಂಚಿಗೆ ಬೇರೆ ಬಣ್ಣ ಇದೆ. ಆ ಅಂಚು ಬಾಗಿಕೊಂಡು ಹಿಂದಕ್ಕೆ ಹೋಗುತ್ತದೆ, ಬ್ರಷ್ ಸ್ವಲ್ಪ ಜಾರಿದರೂ ಬಂಗಾರದ ಬಣ್ಣ ನೀಲಿಯ ಮೇಲೆ. ಮತ್ತೆ ನೀಲಿ ತೆಗೆದು ತಿದ್ದಬೇಕು. ಆಮೇಲೆ ಎದೆಯ ಮೇಲಿನ ಲಾಂಛನ, ಸೊಂಟದ ಚೀಲಗಳು, ಬಂದೂಕು, ಕೊನೆಗೆ ಶಿರಸ್ತ್ರಾಣದ ಕಣ್ಣು. ನಯವಾದ ಕವಚದ ಮೇಲೆ ತಪ್ಪು ಎದ್ದು ಕಾಣುತ್ತದೆ, ಮುಚ್ಚಿಡೋಕೆ ಜಾಗ ಇಲ್ಲ.

ಪಕ್ಕದಲ್ಲಿ ಒಬ್ಬ ನೆಕ್ರಾನ್ ಯೋಧನನ್ನು ಇಟ್ಟು ನೋಡಿ. ಲೋಹದ ಅಸ್ಥಿಪಂಜರ ಅದು. ಲೆಡ್‌ಬೆಲ್ಚರ್ ಸ್ಪ್ರೇ ಹೊಡೆದರೆ ಇಡೀ ಮೈ ಉಕ್ಕಿನ ಬಣ್ಣಕ್ಕೆ ಬರುತ್ತದೆ. ಮೇಲೆ ನಲ್ನ್ ಆಯಿಲ್ ಅನ್ನುವ ಕಪ್ಪು ವಾಶ್ ಹರಿಸಿದರೆ ಪಕ್ಕೆಲುಬುಗಳ ನಡುವೆ ಕಪ್ಪು ತಾನೇ ಹೋಗಿ ಕೂರುತ್ತದೆ. ಒಣಗಿದ ಮೇಲೆ, ಬೆಳ್ಳಿ ಬಣ್ಣ ಹತ್ತಿಸಿ ಬಟ್ಟೆಗೆ ಒರೆಸಿದ ಬ್ರಷ್‌ನಿಂದ ಮೇಲೆ ಮೇಲೆ ಸವರಿದರೆ ಉಬ್ಬುಗಳೆಲ್ಲ ಮಿನುಗುತ್ತವೆ. ಬಂದೂಕಿನ ಹಸಿರು ಹಚ್ಚಿದರೆ ಟೇಬಲ್ ಮೇಲಿಡಲು ಅಡ್ಡಿಯಿಲ್ಲ. ಹತ್ತು ಜನರನ್ನು ಸಾಲಾಗಿ ನಿಲ್ಲಿಸಿಕೊಂಡು ಒಟ್ಟಿಗೇ ಮುಗಿಸಬಹುದು. ಟೈರನಿಡ್‌ಗಳೂ ಹೀಗೆ ದಯೆ ತೋರುವ ಬಣವೇ. ಬಿಳುಪಾದ ಪ್ರೈಮರ್ (ಮೊದಲು ಹಚ್ಚುವ ಅಡಿಬಣ್ಣ) ಮೇಲೆ ಕಾಂಟ್ರಾಸ್ಟ್ ಬಣ್ಣ ಹಚ್ಚಿದರೆ ಉಬ್ಬಿನ ಮೇಲೆ ತೆಳುವಾಗಿ, ತಗ್ಗಿನಲ್ಲಿ ಗಾಢವಾಗಿ ನಿಲ್ಲುತ್ತದೆ. ಚರ್ಮಕ್ಕೆ ಒಂದು, ಬೆನ್ನಿನ ಚಿಪ್ಪಿಗೆ ಒಂದು, ಅಷ್ಟೇ. ಹಾಗಾಗಿ ಐವತ್ತು ಟೈರನಿಡ್‌ಗಳು ಮೂವತ್ತು ಮರೀನ್‌ಗಳಿಗಿಂತ ಬೇಗ ಮುಗಿಯಬಹುದು.

ಇಷ್ಟೆಲ್ಲ ಹೇಳಿದ ಮೇಲೂ, ಮರೀನ್‌ಗಳನ್ನು ಕಂಡರೆ ಮಾತ್ರ ನಿಮ್ಮ ಎದೆ ಹಿಗ್ಗುತ್ತದೆ ಅಂತಾದರೆ ಮರೀನ್‌ಗಳನ್ನೇ ತಗೊಳ್ಳಿ. ಇಷ್ಟಪಟ್ಟದ್ದನ್ನು ಮನುಷ್ಯ ಹೇಗಾದರೂ ಮುಗಿಸುತ್ತಾನೆ.

"ಈಗ ಯಾವ ಬಣ ಗೆಲ್ಲುತ್ತಿದೆ?" ಅಂತಲೂ ಕೇಳುತ್ತಾರೆ. ಮೊದಲ ಸೈನ್ಯ ಆರಿಸುವಾಗ ಈ ಪ್ರಶ್ನೆ ಬಿಟ್ಟುಬಿಡಿ. ಪಾಯಿಂಟ್‌ಗಳು ವರ್ಷದಲ್ಲಿ ಹಲವು ಸಲ ಬದಲಾಗುತ್ತವೆ. ಎಂಟನೇ ಆವೃತ್ತಿ 2017ರಲ್ಲಿ, ಒಂಬತ್ತನೆಯದು 2020ರಲ್ಲಿ, ಹತ್ತನೆಯದು 2023ರಲ್ಲಿ ಬಂತು, ಅಂದರೆ ಮೂರು ವರ್ಷಕ್ಕೊಮ್ಮೆ ನಿಯಮ ಹೊಸದು. ಇವತ್ತು ಗೆಲ್ಲುವ ಸೈನ್ಯ ನೋಡಿ ಕೊಂಡರೆ, ನೀವು ಬಣ್ಣ ಹಚ್ಚಿ ಮುಗಿಸುವ ಹೊತ್ತಿಗೆ ಅದು ಗೆಲ್ಲುವ ಸೈನ್ಯ ಆಗಿರಬೇಕೆಂದೇನೂ ಇಲ್ಲ. ಮಿನಿಯೇಚರ್ ಮಾತ್ರ ನಿಮ್ಮ ಕಪಾಟಿನಲ್ಲಿ ಹಾಗೇ ಇರುತ್ತದೆ.

ಜೊತೆಗೆ ಶುರು ಮಾಡುವವರು ಯಾರೂ ಇಲ್ಲ, ಆದರೆ ಈಗಾಗಲೇ ಆಡುವವರ ಪರಿಚಯ ಇದೆ ಅನ್ನುವವರಿಗೆ ಕಾಂಬ್ಯಾಟ್ ಪೆಟ್ರೋಲ್ ಬಾಕ್ಸ್ ಸರಿ. ಅದರಲ್ಲಿ ಒಂದೇ ಬಣದ ಪುಟ್ಟ ಸೈನ್ಯ ಇರುತ್ತದೆ. ಬೇಡದ ಅರ್ಧವನ್ನು ಏನು ಮಾಡುವುದು ಅನ್ನುವ ತಲೆನೋವಿಲ್ಲ. ಹತ್ತನೇ ಆವೃತ್ತಿಯಲ್ಲಿ ಇದೇ ಹೆಸರಿನ ಆಟದ ಬಗೆಯೇ ಇದೆ. ಬಾಕ್ಸ್‌ನಲ್ಲಿ ಏನಿದೆಯೋ ಅದೇ ನಿಮ್ಮ ಸೈನ್ಯ, ಪಾಯಿಂಟ್ ಲೆಕ್ಕ ಹಾಕಬೇಕಿಲ್ಲ. ಟೇಬಲ್ 44 ಇಂಚು ಉದ್ದ, 30 ಇಂಚು ಅಗಲ ಇದ್ದರೆ ಸಾಕು. ಈ ಬಗೆಯ ಆಟವನ್ನು ಸುಮ್ನೆ ಕಲಿಕೆಯ ಮೆಟ್ಟಿಲು ಅಂದುಕೊಳ್ಳಬೇಡಿ, ಅದರಷ್ಟಕ್ಕೆ ಅದೇ ಚೆನ್ನಾಗಿದೆ. ಒಂದು ಎಚ್ಚರಿಕೆ ಮಾತ್ರ: ಎಲ್ಲ ಕಾಂಬ್ಯಾಟ್ ಪೆಟ್ರೋಲ್‌ಗಳೂ ದೊಡ್ಡ ಸೈನ್ಯಕ್ಕೆ ಒಳ್ಳೆಯ ಬುನಾದಿ ಅಲ್ಲ. ಕೆಲವದರಲ್ಲಿ ಮುಂದೆ ಕಪಾಟಿನಲ್ಲೇ ಉಳಿಯುವ ತುಕಡಿಗಳು ಇರುತ್ತವೆ. ಕೊಳ್ಳುವ ಮುಂಚೆ ಒಳಗಿನ ಒಂದೊಂದು ತುಕಡಿಯ ಹೆಸರು ಓದಿ, ಇದು ನನಗೆ 1000 ಪಾಯಿಂಟ್‌ನ ಸೈನ್ಯದಲ್ಲೂ ಬೇಕಾ ಅಂತ ಕೇಳಿಕೊಳ್ಳಿ.

ಇಷ್ಟು ಬಣ್ಣ ಹಚ್ಚುವ ತಾಳ್ಮೆ ಇಲ್ಲ, ಆಟ ಮಾತ್ರ ಬೇಕು ಅನ್ನುವವರನ್ನು ನಾನು ಬ್ಯಾಟಲ್‌ಟೆಕ್ ಕಡೆ ಕಳಿಸುತ್ತೇನೆ. 1984ರ ಆಟ ಅದು, ಅದರ ಮೂಲ ನಿಯಮಗಳು ಅವತ್ತಿನಿಂದ ಹೆಚ್ಚು ಬದಲಾಗಿಲ್ಲ. 'ಎ ಗೇಮ್ ಆಫ್ ಆರ್ಮರ್ಡ್ ಕಾಂಬ್ಯಾಟ್' ಬಾಕ್ಸ್‌ನಲ್ಲಿ 8 ಯಂತ್ರಯೋಧರು, ಷಟ್ಕೋನದ ಮನೆಗಳಿರುವ ನಕ್ಷೆ, ದಾಳ ಎಲ್ಲ ಇರುತ್ತವೆ. ನಾಲ್ಕು ಯಂತ್ರ ಸೇರಿದರೆ ಒಂದು ಲ್ಯಾನ್ಸ್. ಅಂದರೆ ಒಂದೇ ಬಾಕ್ಸ್‌ನಲ್ಲಿ ಇಬ್ಬರಿಗೂ ಪೂರ್ತಿ ಪಡೆ. ಬಣ್ಣ ಹಚ್ಚದೆಯೂ ಅವತ್ತೇ ಆಡಬಹುದು. ವಾರ್‌ಹ್ಯಾಮರ್ ಲೋಕವೇ ಬೇಕು, ಆದರೆ ಚಿಕ್ಕದು ಸಾಕು ಅಂದರೆ ಕಿಲ್ ಟೀಮ್ ಇದೆ. ಹತ್ತರ ಸುಮಾರು ಮಿನಿಯೇಚರ್‌ಗಳಲ್ಲಿ ಆಟ ಮುಗಿಯುತ್ತದೆ. ಮುಂದೆ ದೊಡ್ಡ ಆಟಕ್ಕೂ ಅವೇ ಮಿನಿಯೇಚರ್‌ಗಳನ್ನು ಇಳಿಸಬಹುದು.

ಮೊದಲ ಬಾಕ್ಸ್ ಜೊತೆಗೆ ಏನೇನು ಬೇಕು? ಒಳ್ಳೆಯ ಕ್ಲಿಪ್ಪರ್, ಅಚ್ಚಿನ ಗೆರೆ ಕೆರೆಯಲು ಒಂದು ಚಾಕು, ಪ್ರೈಮರ್, ನಾಲ್ಕೈದು ಬಣ್ಣ, ಒಂದು ವಾಶ್, ಎರಡು ಬ್ರಷ್. ಪುಶ್-ಫಿಟ್ ಆದರೂ ಒಂದು ಹನಿ ಪ್ಲಾಸ್ಟಿಕ್ ಅಂಟು ಹಾಕಿ. ಅದು ಎರಡೂ ಭಾಗಗಳನ್ನು ಕೊಂಚ ಕರಗಿಸಿ ಬೆಸೆಯುತ್ತದೆ, ಸಂದು ಕಾಣುವುದಿಲ್ಲ. ಲೋಹಕ್ಕೂ ರೆಸಿನ್‌ಗೂ ಆ ಅಂಟು ಹಿಡಿಯಲ್ಲ, ಅವಕ್ಕೆ ಸೂಪರ್ ಗ್ಲೂ ಬೇಕು.

ಎರಡನೇ ಬಾಕ್ಸ್ ಯಾವುದು ಅನ್ನುವುದು ಮೊದಲನೆಯದು ಮುಗಿದ ಮೇಲಿನ ಮಾತು. ಆಗ ಒಂದು ಕೆಲಸ ಮಾಡಿ. ನಿಮ್ಮ ಹತ್ತಿರ ಇರುವ ನಾಯಕರನ್ನು ಮುಂದಿಟ್ಟುಕೊಳ್ಳಿ. ಹತ್ತನೇ ಆವೃತ್ತಿಯಲ್ಲಿ ನಾಯಕ ಎಲ್ಲ ತುಕಡಿಗೂ ಸೇರುವಂತಿಲ್ಲ, ಯಾವ ಯಾವುದಕ್ಕೆ ಅಂತ ಅವನ ನಿಯಮಗಳ ಹಾಳೆಯಲ್ಲೇ ಬರೆದಿರುತ್ತದೆ. ಮರೀನ್‌ಗಳಲ್ಲಿ ಟರ್ಮಿನೇಟರ್ ಅನ್ನುವ ಭಾರಿ ಕವಚ ತೊಟ್ಟ ಕ್ಯಾಪ್ಟನ್ ತುಕಡಿಗೆ ಸೇರುವುದಾದರೆ ಟರ್ಮಿನೇಟರ್‌ಗಳ ಜೊತೆಗೇ ಹೋಗಬೇಕು. ತುಕಡಿ ಇಲ್ಲದ ನಾಯಕ ಇದ್ದರೆ ಅವನಿಗೆ ತುಕಡಿ ಕೊಳ್ಳಿ. ಎಲ್ಲರಿಗೂ ಇದ್ದರೆ, ಟೇಬಲ್ ಮೇಲಿನ ಗುರಿಗಳನ್ನು ಹಿಡಿದು ಕೂರುವ ಬ್ಯಾಟಲ್‌ಲೈನ್ ತುಕಡಿ ಸಾಕಷ್ಟು ಇದೆಯಾ ನೋಡಿ. 2000 ಪಾಯಿಂಟ್‌ನ ಸೈನ್ಯದಲ್ಲಿ ಒಂದೇ ಹೆಸರಿನ ಬ್ಯಾಟಲ್‌ಲೈನ್ ತುಕಡಿ ಆರರವರೆಗೆ ಇರಬಹುದು, ಉಳಿದ ಹೆಚ್ಚಿನವು ಮೂರರವರೆಗೆ ಮಾತ್ರ. ದೊಡ್ಡ ಟ್ಯಾಂಕ್, ದೊಡ್ಡ ರಾಕ್ಷಸ ಇವೆಲ್ಲ ಆಮೇಲೆ. ಕೋಡೆಕ್ಸ್, ಅಂದರೆ ನಿಮ್ಮ ಬಣದ ನಿಯಮಗಳ ಪುಸ್ತಕವೂ ಆಮೇಲೆಯೇ. ಮೂಲ ನಿಯಮಗಳೂ ಕಾಂಬ್ಯಾಟ್ ಪೆಟ್ರೋಲ್ ನಿಯಮಗಳೂ ಕಂಪನಿಯ ವೆಬ್‌ಸೈಟ್‌ನಲ್ಲಿ ಪುಕ್ಕಟೆ ಸಿಗುತ್ತವೆ, ಮೊದಲ ಆಟಗಳಿಗೆ ಅಷ್ಟು ಸಾಕು. ಆವೃತ್ತಿ ಮುಗಿಯುವ ಕಾಲ ಹತ್ತಿರ ಇದ್ದರಂತೂ ಕೋಡೆಕ್ಸ್ ಕೊಳ್ಳದೆ ಕಾಯಿರಿ, ಆ ದುಡ್ಡಿಗೆ ಬಣ್ಣ ತಗೊಳ್ಳಿ.