ಪಾರ್ಕಿಂಗ್ ಜಾಗದಲ್ಲಿ ಅಡ್ಡಾಡುತ್ತಿದ್ದ ಮ್ಯಾನೇಜರ್

ಜೂನ್ 13, 2024, ಗುರುವಾರ

ಅಮೆರಿಕದ ಹಳೇ ಬಾಸ್ಕೆಟ್‌ಬಾಲ್ ಆಟಗಾರ, ಆಮೇಲೆ ಮ್ಯಾನೇಜರ್ ಆದ ಜೆರ್ರಿ ವೆಸ್ಟ್ ನಿನ್ನೆ ತೀರಿಕೊಂಡರು. 86 ವರ್ಷ ವಯಸ್ಸಾಗಿತ್ತು. ಅದೇ ದಿನ ಅಲ್ಲಿನ ವೃತ್ತಿಪರ ಲೀಗ್ ಎನ್‌ಬಿಎಯ ಫೈನಲ್‌ನ (ಏಳು ಪಂದ್ಯಗಳಲ್ಲಿ ನಾಲ್ಕು ಗೆದ್ದವರು ಚಾಂಪಿಯನ್) ಮೂರನೇ ಪಂದ್ಯವೂ ಇತ್ತು. ಡಲ್ಲಾಸ್ ತಂಡವನ್ನು ಬಾಸ್ಟನ್ ಸೆಲ್ಟಿಕ್ಸ್ 106-99ರಿಂದ ಸೋಲಿಸಿತು. ಇರೋ ಬರೋ ತಂಡಗಳಲ್ಲಿ ಸೆಲ್ಟಿಕ್ಸೇ ಗೆಲ್ಲಬೇಕಿತ್ತಾ! ವೆಸ್ಟ್ ಆಡುತ್ತಿದ್ದ ಕಾಲದಲ್ಲಿ ಅವರ ನಿದ್ದೆ ಕೆಡಿಸಿದ್ದೇ ಆ ತಂಡ.

ಎಲ್ಲ ಕಡೆ ಒಂದೇ ತಲೆಬರಹ: ಎನ್‌ಬಿಎ ಲೋಗೋದಲ್ಲಿ ಇರುವ ಮನುಷ್ಯ. ನಿಜ. 1969ರಲ್ಲಿ ಅಲನ್ ಸೀಗಲ್ ಆ ಲೋಗೋ ಬರೆದದ್ದು ವೆಸ್ಟ್ ಅವರ ಒಂದು ಫೋಟೋ ನೋಡಿಕೊಂಡೇ. ಲೀಗ್ ಮಾತ್ರ ಅದನ್ನು ಅಧಿಕೃತವಾಗಿ ಒಪ್ಪಿಕೊಂಡಿಲ್ಲ. ಆದರೆ ನನಗೆ ಲೋಗೋಗಿಂತ ಜಾಸ್ತಿ ಕುತೂಹಲ ಅವರ ಎರಡನೇ ಇನಿಂಗ್ಸ್ ಬಗ್ಗೆ. ಚಡ್ಡಿ-ಬನಿಯನ್ ಬಿಚ್ಚಿಟ್ಟು ಕೋಟು ಹಾಕಿದ ಮೇಲಿನ ನಲವತ್ತು ವರ್ಷ.

ಆಟದ ಭಾಗ ಬೇಗ ಹೇಳಿಬಿಡುತ್ತೇನೆ. ಹುಟ್ಟಿದ್ದು ವೆಸ್ಟ್ ವರ್ಜೀನಿಯಾದ ಕಲ್ಲಿದ್ದಲು ಸೀಮೆಯಲ್ಲಿ. 1960ರಿಂದ 14 ಸೀಸನ್, ಎಲ್ಲವೂ ಲಾಸ್ ಏಂಜಲೀಸ್ ಲೇಕರ್ಸ್ ತಂಡಕ್ಕೇ. 25,192 ಅಂಕ, ಪಂದ್ಯಕ್ಕೆ ಸರಾಸರಿ 27. ಫೈನಲ್ ತಲುಪಿದ್ದು ಒಂಬತ್ತು ಸಲ. ಗೆದ್ದದ್ದು 1972ರಲ್ಲಿ, ಅದೊಂದೇ. ಸೋತ ಎಂಟರಲ್ಲಿ ಆರು ಸೆಲ್ಟಿಕ್ಸ್ ಕೈಯಲ್ಲಿ.

ಆ ಆರರಲ್ಲಿ 1969ರದ್ದು ಓದಿದರೆ ಈಗಲೂ ಸಂಕಟ ಆಗುತ್ತದೆ. ಏಳನೇ ಪಂದ್ಯ, ಅಂದರೆ ನಿರ್ಣಾಯಕ ಪಂದ್ಯ, ಲೇಕರ್ಸ್ ಮನೆಯಂಗಳ. ಗೆದ್ದೇ ಗೆಲ್ಲುತ್ತೇವೆ ಎಂದು ಮಾಲೀಕರು ಚಾವಣಿಯಲ್ಲಿ ಬಲೂನು ತುಂಬಿಸಿಟ್ಟಿದ್ದರು. ವೆಸ್ಟ್ 42 ಅಂಕ, 13 ರಿಬೌಂಡ್ (ತಪ್ಪಿದ ಶಾಟ್‌ನ ಚೆಂಡು ಹಿಡಿಯುವುದು), 12 ಅಸಿಸ್ಟ್ (ಬಾಸ್ಕೆಟ್‌ಗೆ ದಾರಿ ಮಾಡುವ ಪಾಸ್) ಮಾಡಿದರು. ಲೇಕರ್ಸ್ ಸೋತದ್ದು ಎರಡೇ ಅಂಕದಿಂದ, 108-106. ಬಲೂನು ಮೇಲೇ ಉಳಿಯಿತು. ಫೈನಲ್‌ನ ಶ್ರೇಷ್ಠ ಆಟಗಾರ ಪ್ರಶಸ್ತಿ ಮೊದಲ ಸಲ ಕೊಟ್ಟದ್ದು ಆ ವರ್ಷವೇ, ಅದು ಸಿಕ್ಕಿದ್ದು ಸೋತ ತಂಡದ ವೆಸ್ಟ್‌ಗೆ. ಇವತ್ತಿನವರೆಗೂ ಸೋತ ತಂಡದ ಬೇರೆ ಯಾರಿಗೂ ಅದು ಸಿಕ್ಕಿಲ್ಲ. ಬಹುಮಾನವಾಗಿ ಬಂದ ಕಾರಿನ ಬಣ್ಣ ಹಸಿರು, ಅಂದರೆ ಸೆಲ್ಟಿಕ್ಸ್ ಬಣ್ಣ. ಗಾಯಕ್ಕೆ ಉಪ್ಪು ಸವರುವುದಕ್ಕೂ ಒಂದು ಮಿತಿ ಬೇಡವಾ?

1974ರಲ್ಲಿ ನಿವೃತ್ತಿ. 1976ರಿಂದ ಮೂರು ಸೀಸನ್ ಅದೇ ತಂಡಕ್ಕೆ ಕೋಚ್. ಆ ಕೆಲಸ ಅವರಿಗೆ ಒಗ್ಗಲಿಲ್ಲ. ತಾನು ಮಾಡುತ್ತಿದ್ದದ್ದನ್ನು ಬೇರೆಯವರು ಯಾಕೆ ಮಾಡುವುದಿಲ್ಲ ಎಂಬ ಸಿಡುಕು ದೊಡ್ಡ ಆಟಗಾರರಿಗೆಲ್ಲ ಇರುವಂಥದ್ದೇ. ಆಮೇಲೆ ಸ್ಕೌಟ್ ಆಗಿ ಹುಡುಗರನ್ನು ಹುಡುಕುತ್ತಾ ಓಡಾಡಿದರು. 1982ರಲ್ಲಿ ಜನರಲ್ ಮ್ಯಾನೇಜರ್, ಅಂದರೆ ಆಟಗಾರರನ್ನು ಆರಿಸಿ ತಂಡ ಕಟ್ಟುವವರು, ಆದರು. ಲೇಕರ್ಸ್ ಮೊಟ್ಟಮೊದಲ ಬಾರಿಗೆ ಫೈನಲ್‌ನಲ್ಲಿ ಸೆಲ್ಟಿಕ್ಸನ್ನು ಮಣಿಸಿದ್ದು 1985ರಲ್ಲಿ. ಆಟಗಾರನಾಗಿ ಆರು ಸಲ ಆಗದ್ದು ಮ್ಯಾನೇಜರ್ ಆಗಿದ್ದಾಗ ಆಯಿತು.

ಖುಷಿಪಟ್ಟರಾ? ಅನುಮಾನ. ಮಹತ್ವದ ಪಂದ್ಯ ಇದ್ದರೆ ಈ ಮನುಷ್ಯ ಕೂತು ನೋಡುತ್ತಲೇ ಇರಲಿಲ್ಲ. ಎದ್ದು ಹೊರಗೆ ಹೋಗಿ ಪಾರ್ಕಿಂಗ್ ಜಾಗದಲ್ಲಿ ಅಡ್ಡಾಡುವುದು, ಇಲ್ಲವೇ ಕಾರು ಹತ್ತಿ ಸುಮ್ನೆ ಸುತ್ತುವುದು. ನನಗೆ ಇದು ಪೂರ್ತಿ ಅರ್ಥ ಆಗುತ್ತದೆ. ಅಂಗಳದಲ್ಲಿದ್ದರೆ ಕೊನೇ ಶಾಟ್ ನೀವೇ ಹೊಡೆಯಬಹುದು, ತಪ್ಪಿದರೂ ಅದು ನಿಮ್ಮದೇ ತಪ್ಪು. ಮ್ಯಾನೇಜರ್ ಕೆಲಸ ಬಹುಪಾಲು ಜೂನ್-ಜುಲೈನಲ್ಲಿ ಡ್ರಾಫ್ಟ್ (ತಂಡಗಳು ಸರದಿ ಪ್ರಕಾರ ಹೊಸ ಆಟಗಾರರನ್ನು ಆರಿಸುವುದು) ಮತ್ತು ಒಪ್ಪಂದದ ಹೊತ್ತಿಗೇ ಮುಗಿದಿರುತ್ತದೆ. ಆಮೇಲಿನ ಎಂಬತ್ತು ತೊಂಬತ್ತು ಪಂದ್ಯಗಳಲ್ಲಿ ಅವನ ಕೈಯಲ್ಲಿ ಹೆಚ್ಚೇನೂ ಇರುವುದಿಲ್ಲ.

ಮ್ಯಾನೇಜರ್ ಅಂದ ಕೂಡಲೇ ಜನ ಅವನು ಮಾಡಿದ ಟ್ರೇಡ್‌ಗಳನ್ನು, ಅಂದರೆ ಬೇರೆ ತಂಡಗಳ ಜೊತೆ ಆಟಗಾರರ ಅದಲುಬದಲನ್ನು, ಎಣಿಸುತ್ತಾರೆ. ವೆಸ್ಟ್ ವಿಷಯದಲ್ಲಿ ಆಗದ ಟ್ರೇಡ್‌ಗಳನ್ನೂ ಎಣಿಸಬೇಕು ಅಂತ ನನ್ನ ವಾದ. 1986ರಲ್ಲಿ ಲೇಕರ್ಸ್ ಆಟಗಾರ ಜೇಮ್ಸ್ ವರ್ದಿಯನ್ನು ಡಲ್ಲಾಸ್‌ಗೆ ಕೊಟ್ಟು ಮಾರ್ಕ್ ಅಗ್ವೈರ್ ಅವರನ್ನು ತರೋಣ ಎಂಬ ಮಾತು ನಡೆದಿತ್ತು. ಮಾಲೀಕರಿಗೂ ಆ ಕಡೆ ಒಲವಿತ್ತು. ವೆಸ್ಟ್ ಒಪ್ಪಲಿಲ್ಲ. 1987, 1988 ಎರಡೂ ವರ್ಷ ಲೇಕರ್ಸ್ ಚಾಂಪಿಯನ್. 1988ರ ಫೈನಲ್‌ನ ಶ್ರೇಷ್ಠ ಆಟಗಾರ ಅದೇ ವರ್ದಿ.

ಇನ್ನು ಆದ ಟ್ರೇಡ್‌ಗಳ ರಾಜ ಅಂದರೆ 1996ರ ಬೇಸಿಗೆಯದ್ದು. ಶಾಲೆಯಿಂದ ನೇರ ಬಂದ 17ರ ಹುಡುಗ ಕೋಬಿ ಬ್ರಯಂಟ್. ಲೇಕರ್ಸ್ ಅವನನ್ನು ಆಡಿಸಿ ಪರೀಕ್ಷೆ ಮಾಡಿತು. ಎದುರಿಗೆ ನಿಲ್ಲಿಸಿದ್ದು ಮೈಕಲ್ ಕೂಪರ್ ಅವರನ್ನು. ನಿವೃತ್ತರಾಗಿದ್ದರು, ವಯಸ್ಸು ನಲವತ್ತಾಗಿತ್ತು, ಆದರೂ ಒಂದು ಕಾಲದಲ್ಲಿ ಲೀಗ್‌ನ ಅತ್ಯುತ್ತಮ ಡಿಫೆಂಡರ್. ಹುಡುಗ ಅವರನ್ನು ದಾಟಿ ದಾಟಿ ಬಾಸ್ಕೆಟ್ ಹಾಕಿದ. ಸ್ವಲ್ಪ ಹೊತ್ತಿಗೇ ವೆಸ್ಟ್, ನೋಡಿದ್ದು ಸಾಕು ಎಂದು ನಿಲ್ಲಿಸಿಬಿಟ್ಟರು.

ಆದರೆ ಲೇಕರ್ಸ್ ಕೈಯಲ್ಲಿ ಮುಂಚಿನ ಪಿಕ್, ಅಂದರೆ ಡ್ರಾಫ್ಟ್‌ನಲ್ಲಿ ಬೇಗ ಆರಿಸುವ ಸರದಿ, ಇರಲಿಲ್ಲ. 13ನೇ ಪಿಕ್ ಇದ್ದದ್ದು ಶಾರ್ಲೆಟ್ ಹಾರ್ನೆಟ್ಸ್ ಬಳಿ. ಕೋಬಿಯನ್ನು ಆರಿಸಿ ನಮಗೆ ಕೊಡಿ, ಬದಲಿಗೆ ನಮ್ಮ ಸೆಂಟರ್ ವ್ಲಾಡೆ ಡಿವಾಚ್ ಅವರನ್ನು ತಗೊಳ್ಳಿ ಎಂದರು ವೆಸ್ಟ್. ಈ ಡಿವಾಚ್ ಅವರನ್ನು 1989ರಲ್ಲಿ 26ನೇ ಪಿಕ್‌ನಲ್ಲಿ ಆರಿಸಿ ಯುಗೊಸ್ಲಾವಿಯಾದಿಂದ ತಂದದ್ದೂ ವೆಸ್ಟ್ ಅವರೇ. ಡಿವಾಚ್‌ಗೆ ಲಾಸ್ ಏಂಜಲೀಸ್ ಬಿಡಲು ಇಷ್ಟವಿಲ್ಲ. ಆಟವನ್ನೇ ಬಿಡುತ್ತೇನೆ ಎಂದು ಪಟ್ಟು ಹಿಡಿದರು. ಕೊನೆಗೆ ಒಪ್ಪಿದರು.

ಜಾಣತನ ಇದ್ದದ್ದು ಇಲ್ಲಿ. ಎನ್‌ಬಿಎಯಲ್ಲಿ ಒಂದು ತಂಡ ಒಟ್ಟು ಸಂಬಳಕ್ಕೆ ಖರ್ಚು ಮಾಡುವ ಹಣಕ್ಕೆ ಮಿತಿ ಇದೆ, ಸ್ಯಾಲರಿ ಕ್ಯಾಪ್ ಅನ್ನುತ್ತಾರೆ. ಡಿವಾಚ್ ಹೋದರೆ ಅವರ ಸಂಬಳದಷ್ಟು ಜಾಗ ಖಾಲಿ. ಆ ಜಾಗ ಬೇಕಿದ್ದದ್ದು ಶಕೀಲ್ ಒನೀಲ್‌ಗೆ. ಒರ್ಲ್ಯಾಂಡೊ ತಂಡದಲ್ಲಿದ್ದ ಅವರು ಆಗ ಫ್ರೀ ಏಜೆಂಟ್ ಆಗಿದ್ದರು, ಅಂದರೆ ಯಾವ ತಂಡದ ಜೊತೆಗಾದರೂ ಸಹಿ ಹಾಕಬಹುದಿತ್ತು. ಜಾಗ ಇನ್ನೂ ಸಾಲದು ಅಂತ ಜಾರ್ಜ್ ಲಿಂಚ್, ಆಂಥೊನಿ ಪೀಲರ್ ಇಬ್ಬರನ್ನೂ ವ್ಯಾಂಕೂವರ್ ಗ್ರಿಜ್ಲೀಸ್‌ಗೆ ಹೆಚ್ಚುಕಡಿಮೆ ಪುಕ್ಕಟೆ ಕೊಟ್ಟರು. ಜುಲೈ 18ಕ್ಕೆ ಒನೀಲ್ ಸಹಿ ಹಾಕಿದರು, ಏಳು ವರ್ಷಕ್ಕೆ ಸುಮಾರು 12 ಕೋಟಿ ಡಾಲರ್. ಒಂದೇ ತಿಂಗಳಲ್ಲಿ ಇಬ್ಬರು! 2000, 2001, 2002 ಮೂರು ವರ್ಷ ಸತತ ಚಾಂಪಿಯನ್. ವೆಸ್ಟ್ ಅಷ್ಟರಲ್ಲಿ ದಣಿದಿದ್ದರು. ಮೊದಲನೆಯದು ಗೆದ್ದ ಬೇಸಿಗೆಯಲ್ಲೇ ಕೆಲಸ ಬಿಟ್ಟರು.

ಇಲ್ಲಿಗೆ ನಿಲ್ಲಿಸಿದ್ದರೆ ಕಥೆ ಚೆನ್ನಾಗಿತ್ತು. ಅವರು 2002ರಲ್ಲಿ ಮೆಂಫಿಸ್ ಗ್ರಿಜ್ಲೀಸ್ ಸೇರಿದರು. ವ್ಯಾಂಕೂವರ್‌ನಿಂದ ಎತ್ತಂಗಡಿಯಾಗಿ ಬಂದ ಅದೇ ತಂಡ, ಹಿಂದಿನ ಸೀಸನ್‌ನಲ್ಲಿ 82 ಪಂದ್ಯಗಳಲ್ಲಿ ಗೆದ್ದದ್ದು 23. ಅಲ್ಲಿ ನಡೆದದ್ದು ನನಗೆ 1969ರ ಬಲೂನಿಗಿಂತ ಕ್ರೂರ ಅನಿಸುತ್ತದೆ.

2003ರ ಡ್ರಾಫ್ಟ್ ಲಾಟರಿ, ಅಂದರೆ ಮೊದಲು ಆರಿಸುವ ಸರದಿ ಯಾರದ್ದು ಎಂದು ಅದೃಷ್ಟದ ಮೇಲೆ ತೀರ್ಮಾನಿಸುವುದು. ಮೊದಲ ಪಿಕ್ ಅಂದರೆ ಲೆಬ್ರಾನ್ ಜೇಮ್ಸ್, ಅದರಲ್ಲಿ ಯಾರಿಗೂ ಸಂಶಯ ಇಲ್ಲ. ಮೆಂಫಿಸ್ ಪರ ವೇದಿಕೆ ಮೇಲೆ ಕೂತದ್ದು ವೆಸ್ಟ್. ಈ ಸಲ ಎದ್ದು ಪಾರ್ಕಿಂಗ್ ಜಾಗಕ್ಕೆ ಹೋಗುವ ಹಾಗಿಲ್ಲ. ತೊಡಕು ಏನೆಂದರೆ, ವ್ಯಾಂಕೂವರ್ ಕಾಲದಲ್ಲಿ, 1997ರಲ್ಲಿ, ಓಟಿಸ್ ಥೋರ್ಪ್ ಎಂಬ ಹಿರಿಯ ಆಟಗಾರನನ್ನು ತರಲು ಆ ತಂಡ ಮುಂದಿನ ಒಂದು ಪಿಕ್ಕನ್ನು ಡೆಟ್ರಾಯಿಟ್ ಪಿಸ್ಟನ್ಸ್‌ಗೆ ಬರೆದುಕೊಟ್ಟಿತ್ತು. 2003ರಲ್ಲಿ ಲಾಟರಿಯಲ್ಲಿ ಒಂದನೇ ಸ್ಥಾನ ಬಂದರೆ ಮಾತ್ರ ಪಿಕ್ ಮೆಂಫಿಸ್‌ಗೆ ಉಳಿಯುತ್ತದೆ. ಬೇರೇನೇ ಬಂದರೂ ಡೆಟ್ರಾಯಿಟ್‌ಗೆ. ಒಂದೊಂದೇ ಲಕೋಟೆ ತೆರೆದರು. ಕೊನೆಗೆ ಉಳಿದದ್ದು ಎರಡು ತಂಡ, ಕ್ಲೀವ್‌ಲ್ಯಾಂಡ್ ಮತ್ತು ಮೆಂಫಿಸ್. ಮೆಂಫಿಸ್‌ಗೆ ಎರಡನೇ ಸ್ಥಾನ ಬಂತು. ಸುಮಾರು ಆರು ವರ್ಷ ಮುಂಚೆ ಬೇರೆ ಯಾರೋ ಮಾಡಿದ ಸಾಲಕ್ಕೆ ಇವರು ಬಡ್ಡಿ ಕಟ್ಟಿದರು.

ಆ ಪಿಕ್ ಸಿಕ್ಕಿದ್ದು ಜೋ ಡುಮಾರ್ಸ್ ಕೈಗೆ. ಅವರೂ ಹಳೇ ಆಟಗಾರರೇ, ಪಿಸ್ಟನ್ಸ್ ಪರ ಎರಡು ಸಲ ಚಾಂಪಿಯನ್ ಆಗಿ ಆಮೇಲೆ ಅದೇ ತಂಡದ ಮುಖ್ಯಸ್ಥರಾದವರು. ಕಾರ್ಮೆಲೊ ಆಂಥೊನಿ, ಕ್ರಿಸ್ ಬಾಶ್, ಡ್ವೇನ್ ವೇಡ್ ಮೂವರೂ ಇದ್ದರೂ ಅವರು ಆರಿಸಿದ್ದು ಡಾರ್ಕೊ ಮಿಲಿಚಿಚ್ ಎಂಬ 18ರ ಹುಡುಗನನ್ನು. ಆ ಹುಡುಗ ಹೆಸರು ಮಾಡಲೇ ಇಲ್ಲ. ಆದರೂ 2004ರಲ್ಲಿ ಪಿಸ್ಟನ್ಸ್ ಚಾಂಪಿಯನ್, ಸೋತದ್ದು ಕೋಬಿ ಮತ್ತು ಒನೀಲ್ ಇದ್ದ ಲೇಕರ್ಸ್! ಆಟಗಾರರ ಆಯ್ಕೆ ವಿಜ್ಞಾನ ಅನ್ನುವವರು ಈ ಎರಡು ವರ್ಷ ಒಮ್ಮೆ ಓದಬೇಕು.

ವೆಸ್ಟ್ ಏನೂ ಸುಮ್ಮನೆ ಕೂರಲಿಲ್ಲ. 69 ವರ್ಷದ ಹ್ಯೂಬಿ ಬ್ರೌನ್ ಅವರನ್ನು ಕೋಚ್ ಮಾಡಿದ್ದರು. ಎಲ್ಲರೂ ನಕ್ಕರು. 2003-04ರಲ್ಲಿ ಮೆಂಫಿಸ್ 50 ಪಂದ್ಯ ಗೆದ್ದು ಮೊದಲ ಸಲ ಪ್ಲೇಆಫ್, ಅಂದರೆ ಸೀಸನ್ ಕೊನೆಯ ನಾಕೌಟ್ ಹಂತ, ಮುಟ್ಟಿತು. ಆದರೆ ಸತತ ಮೂರು ವರ್ಷ ಪ್ಲೇಆಫ್ ಆಡಿಯೂ ಅಲ್ಲಿ ಒಂದೇ ಒಂದು ಪಂದ್ಯವನ್ನೂ ಗೆಲ್ಲಲಿಲ್ಲ. 2007ರಲ್ಲಿ ಅವರು ಹೊರಬಂದರು.

ಇವತ್ತು ವೆಸ್ಟ್ ಬಗ್ಗೆ ಓದುವಾಗ ನನಗೆ ಎಲ್ಜಿನ್ ಬೇಲರ್ ನೆನಪಾಗುತ್ತಲೇ ಇದ್ದರು. ಲೇಕರ್ಸ್‌ನಲ್ಲಿ ವೆಸ್ಟ್ ಜೊತೆಗಾರ, ಅಷ್ಟೇ ದೊಡ್ಡ ಆಟಗಾರ. 1971ರಲ್ಲಿ ಸೀಸನ್ ಮಧ್ಯೆ ಮೊಣಕಾಲು ಸೋತು ನಿವೃತ್ತರಾದರು. ಮುಂದಿನ ಪಂದ್ಯದಿಂದಲೇ ಲೇಕರ್ಸ್ 33 ಪಂದ್ಯ ಸತತ ಗೆದ್ದು ಕಪ್ ಎತ್ತಿತು. ಬೇಲರ್ ಕೂಡ ಕಚೇರಿಗೆ ಬಂದರು, 1986ರಿಂದ 22 ವರ್ಷ ಲಾಸ್ ಏಂಜಲೀಸ್‌ನ ಇನ್ನೊಂದು ತಂಡ ಕ್ಲಿಪ್ಪರ್ಸ್‌ಗೆ ಮ್ಯಾನೇಜರ್. ಬಹುತೇಕ ಸೋಲೇ. ಆಟಗಾರರನ್ನು ಗುರುತಿಸುವ ಕಣ್ಣು ಮಂಜಾಗಿತ್ತು ಅಂತ ನಾನು ಒಪ್ಪುವುದಿಲ್ಲ. ಆ ಮಾಲೀಕರು ದುಡ್ಡು ಬಿಚ್ಚುತ್ತಿರಲಿಲ್ಲ. ವೆಸ್ಟ್ ಹಿಂದೆ ಜೆರ್ರಿ ಬಸ್ ಎಂಬ ಧಾರಾಳಿ ಮಾಲೀಕ ಇದ್ದರು. ಹೊಗಳುವಾಗ ಅದನ್ನೂ ಹೇಳಬೇಕಲ್ವಾ?

2011ರಲ್ಲಿ ವೆಸ್ಟ್ ಗೋಲ್ಡನ್ ಸ್ಟೇಟ್ ವಾರಿಯರ್ಸ್‌ಗೆ ಸಲಹೆಗಾರರಾಗಿ ಹೋದರು. ಆಗದ ಟ್ರೇಡ್‌ಗಳನ್ನೂ ಎಣಿಸಬೇಕು ಎಂಬ ನನ್ನ ವಾದಕ್ಕೆ ಗಟ್ಟಿ ಸಾಕ್ಷಿ ಅಲ್ಲೇ ಇದೆ. 2014ರಲ್ಲಿ ಕ್ಲೇ ಥಾಂಪ್ಸನ್ ಕೊಟ್ಟು ಕೆವಿನ್ ಲವ್ ತರುವ ಮಾತು ಜೋರಾಗಿ ನಡೆದಿತ್ತು. ಕೂಡದು ಎಂದು ಅಡ್ಡ ನಿಂತವರಲ್ಲಿ ವೆಸ್ಟ್ ಮುಂದಿದ್ದರು. ಈ ಕ್ಲೇ ಅವರ ಅಪ್ಪ ಮೈಕಲ್ ಥಾಂಪ್ಸನ್ ಅವರನ್ನು 1987ರ ಫೆಬ್ರವರಿಯಲ್ಲಿ, ಸೆಲ್ಟಿಕ್ಸ್‌ನ ಕೆವಿನ್ ಮೆಕ್‌ಹೇಲ್‌ಗೆ ತಡೆ ಹಾಕಲು, ಲೇಕರ್ಸ್‌ಗೆ ಕರೆತಂದದ್ದೂ ವೆಸ್ಟ್ ಅವರೇ. ಅಪ್ಪನನ್ನು ತಂದರು, ಮಗನನ್ನು ಬಿಡಲಿಲ್ಲ. ಲವ್ ಕೊನೆಗೆ ಕ್ಲೀವ್‌ಲ್ಯಾಂಡ್ ಸೇರಿದರು, ಮುಂದಿನ ವರ್ಷದ ಫೈನಲ್‌ನಲ್ಲಿ ವಾರಿಯರ್ಸ್ ಸೋಲಿಸಿದ್ದು ಅದೇ ಕ್ಲೀವ್‌ಲ್ಯಾಂಡ್ ತಂಡವನ್ನು. ಲವ್ ಆಗ ಭುಜಕ್ಕೆ ಪೆಟ್ಟಾಗಿ ಹೊರಗಿದ್ದರು ಎಂದು ಯಾರಾದರೂ ತಕರಾರು ತೆಗೆಯುತ್ತಾರೆ, ತೆಗೆಯಲಿ. 2016ರಲ್ಲಿ ಓಕ್ಲಹೋಮಾದಲ್ಲಿ ತಂಡ ಹೊರಬೀಳುವ ಅಂಚಿನಲ್ಲಿದ್ದಾಗ ಒಂದೇ ಪಂದ್ಯದಲ್ಲಿ 11 ಥ್ರೀ ಪಾಯಿಂಟರ್ ಹಾಕಿ ಉಳಿಸಿದ್ದು ಕ್ಲೇ ಥಾಂಪ್ಸನ್. ಅದಕ್ಕೆ ತಕರಾರಿನವರ ಬಳಿ ಉತ್ತರ ಇದ್ದರೆ ಕೇಳೋಣ.