ಸತ್ಯವೇದವನ್ನು ಯಾರು ಓದುತ್ತಿದ್ದಾರೆ? ಕಪ್ಪು ದೈವಶಾಸ್ತ್ರಕ್ಕೊಂದು ಪ್ರವೇಶ

ಪುಣೆಯ ನಮ್ಮ ಕನ್ನಡ ಸಭೆಯಲ್ಲಿ ಭಾನುವಾರದ ಆರಾಧನೆ ಮುಗಿದ ಮೇಲೆ ನಡೆಯುವ ಅಧ್ಯಯನಕ್ಕೆ ಈ ಮಳೆಗಾಲದಲ್ಲಿ ಕಪ್ಪು ದೈವಶಾಸ್ತ್ರವನ್ನು ಆರಿಸಿಕೊಂಡಿದ್ದೇವೆ. ಅಮೆರಿಕದ ಆಫ್ರಿಕನ್ ಮೂಲದ ಕ್ರೈಸ್ತರು ಗುಲಾಮಗಿರಿಯ ಮತ್ತು ಅದರ ಅನಂತರವೂ ಮುಗಿಯದ ಅವಮಾನದ ಅನುಭವದಿಂದ ದೇವರನ್ನೂ ಕ್ರಿಸ್ತನನ್ನೂ ಕುರಿತು ನಡೆಸಿದ ಚಿಂತನೆ ಇದು. ಧಾರವಾಡ, ಗದಗ, ಬೀದರ್ ಕಡೆಗಳಿಂದ ಬಂದು ಇಲ್ಲಿ ನೆಲೆಸಿದವರಿಗೆ ಅಷ್ಟು ದೂರದ ವಿಷಯವೇಕೆ ಎಂದು ಕೆಲವರು ಕೇಳಿದರು. ಬೇರೆ ಊರಿನಲ್ಲಾದರೆ ಆ ಪ್ರಶ್ನೆಗೆ ಅರ್ಥವಿರಬಹುದು. ಆದರೆ ಈ ಊರಿನ ಸ್ಕಾಟಿಷ್ ಮಿಷನ್ ಶಾಲೆಯಲ್ಲಿ ಓದಿದ ಜೋತಿಬಾ ಫುಲೆಯವರು 1873ರಲ್ಲಿ ಜಾತಿವ್ಯವಸ್ಥೆಯನ್ನು ಖಂಡಿಸುವ ‘ಗುಲಾಮಗಿರಿ’ಯನ್ನು ಪ್ರಕಟಿಸಿದಾಗ, ನೀಗ್ರೋ ಗುಲಾಮರ ಬಿಡುಗಡೆಗಾಗಿ ತ್ಯಾಗ ಮಾಡಿದ ಅಮೆರಿಕದ ಸಜ್ಜನರಿಗೆ ಅದನ್ನು ಅರ್ಪಿಸಿದ್ದರು.

ಈ ಚಿಂತನೆಯನ್ನು ಹೊಸದಾಗಿ ಓದುವವರು ಸಾಮಾನ್ಯವಾಗಿ ‘ದೇವರು ಕಪ್ಪಗಿದ್ದಾನೆ’ ಎಂಬ ಮಾತಿನಿಂದ ತೊಡಗಿ ಅಲ್ಲಿಯೇ ಎಡವುತ್ತಾರೆ. ಅದಕ್ಕಿಂತ ಮೊದಲು, ಸತ್ಯವೇದವನ್ನು ಯಾರು ಯಾರಿಗೆ ಓದಿ ಹೇಳಿದರು, ಎಲ್ಲಿ ಓದುವುದನ್ನು ನಿಲ್ಲಿಸಿದರು ಎಂದು ವಿಚಾರಿಸುವುದು ಒಳ್ಳೆಯದೆಂದು ನನಗೆ ತೋರುತ್ತದೆ. ವೆಸ್ಟ್ ಇಂಡೀಸಿನ ಬ್ರಿಟಿಷ್ ದ್ವೀಪಗಳ ಗುಲಾಮರಿಗೆಂದೇ 1807ರಲ್ಲಿ ಲಂಡನ್ನಿನಲ್ಲಿ ಆಯ್ದ ಭಾಗಗಳ ಸತ್ಯವೇದವೊಂದು ಅಚ್ಚಾಯಿತು. ಇಸ್ರಾಯೇಲರು ಫರೋಹನ ದಾಸತ್ವದಿಂದ ಹೊರಟುಬಂದ ಕಥೆ ಅದರಲ್ಲಿಲ್ಲ. ಕ್ರಿಸ್ತನಲ್ಲಿ ದಾಸ, ಸ್ವತಂತ್ರ ಎಂಬ ಭೇದವಿಲ್ಲವೆನ್ನುವ ಗಲಾತ್ಯದವರ ಪತ್ರಿಕೆಯ ವಚನವೂ ಇಲ್ಲ. ದಾಸರು ಯಜಮಾನರಿಗೆ ವಿಧೇಯರಾಗಿರಬೇಕೆನ್ನುವ ಎಫೆಸದವರ ಪತ್ರಿಕೆಯ ವಚನ ಮಾತ್ರ ತಪ್ಪದೆ ಉಳಿದಿದೆ. ಕತ್ತರಿ ಹಿಡಿದವರಿಗೆ ಆ ಗ್ರಂಥದ ಶಕ್ತಿ ಎಲ್ಲಿದೆಯೆಂಬುದು ಚೆನ್ನಾಗಿಯೇ ತಿಳಿದಿತ್ತು.

ಗುಲಾಮರಿಗೂ ಅದು ತಿಳಿದಿತ್ತು. 1899ರಲ್ಲಿ ಜನಿಸಿ ಫ್ಲಾರಿಡಾದಲ್ಲಿ ಬೆಳೆದ ಕಪ್ಪು ದೈವಶಾಸ್ತ್ರಜ್ಞ ಹೋವರ್ಡ್ ಥರ್ಮನ್ ಬಾಲ್ಯದಲ್ಲಿ ತಮ್ಮ ಅಜ್ಜಿಗೆ ಸತ್ಯವೇದವನ್ನು ಓದಿ ಹೇಳುತ್ತಿದ್ದರು. ಗುಲಾಮಳಾಗಿ ಹುಟ್ಟಿದ ಆಕೆಗೆ ಅಕ್ಷರ ಬರುತ್ತಿರಲಿಲ್ಲ. ಕೀರ್ತನೆಗಳು, ಯೆಶಾಯ, ಸುವಾರ್ತೆಗಳು ಎಲ್ಲವೂ ಆಕೆಗೆ ಬೇಕಿದ್ದವು. ಪೌಲನ ಪತ್ರಿಕೆಗಳು ಮಾತ್ರ ಬೇಡವಾಗಿದ್ದವು. ಪ್ರೀತಿಯನ್ನು ಕುರಿತ ಕೊರಿಂಥದವರ ಪತ್ರಿಕೆಯ ಹದಿಮೂರನೆಯ ಅಧ್ಯಾಯಕ್ಕಷ್ಟೇ ಅಪರೂಪಕ್ಕೊಮ್ಮೆ ವಿನಾಯಿತಿ. ಬೆಳೆದ ಮೇಲೆ ಮೊಮ್ಮಗ ಕಾರಣ ಕೇಳಿದಾಗ ಆಕೆ ಹೇಳಿದ್ದಿಷ್ಟು: ಯಜಮಾನ ಕರೆಸುತ್ತಿದ್ದ ಬಿಳಿಯ ಬೋಧಕ ಗುಲಾಮರೆದುರು ವಿಧೇಯತೆಯ ಆ ವಚನವನ್ನೇ ಮತ್ತೆ ಮತ್ತೆ ಆರಿಸಿಕೊಳ್ಳುತ್ತಿದ್ದ; ಮುಂದೆ ಬಿಡುಗಡೆಯಾಗಿ, ಓದು ಕಲಿತರೂ ಆ ಭಾಗವನ್ನು ಓದುವುದಿಲ್ಲವೆಂದು ಆಕೆ ಅಂದೇ ನಿಶ್ಚಯಿಸಿದ್ದಳು. ಧರ್ಮಗ್ರಂಥವನ್ನು ಬಿಟ್ಟುಕೊಡದೆ, ಅದರ ದುರುಪಯೋಗಕ್ಕೂ ಮಣಿಯದೆ ನಡೆದ ಈ ಓದು ಯಾವ ದೈವಶಾಸ್ತ್ರಜ್ಞನ ವ್ಯಾಖ್ಯಾನಕ್ಕೂ ಕಡಿಮೆಯದಲ್ಲವೆಂದು ನಾನು ಭಾವಿಸುತ್ತೇನೆ.

ಥರ್ಮನ್ 1935–36ರಲ್ಲಿ ಪತ್ನಿ ಸ್ಯೂ ಬೈಲಿಯವರೊಂದಿಗೆ ನಮ್ಮ ದೇಶಕ್ಕೂ ಬಂದಿದ್ದರು. ಅದೇ ಪ್ರವಾಸದಲ್ಲಿ, ಸಿಲೋನಿನ ಕೊಲಂಬೊದಲ್ಲಿ ವಕೀಲರೊಬ್ಬರು, ನಿಮ್ಮವರನ್ನು ಹಿಡಿದು ಮಾರಿದವರ ಧರ್ಮವನ್ನು ಹೊತ್ತುಕೊಂಡು ಇಲ್ಲಿ ಏನು ಮಾಡುತ್ತಿದ್ದೀರಿ ಎಂಬರ್ಥದ ಪ್ರಶ್ನೆ ಹಾಕಿದರು. ಬಾರ್ಡೋಲಿಯಲ್ಲಿ ಭೇಟಿಯಾದ ಗಾಂಧೀಜಿ, ಶಿಲುಬೆಯ ಬಳಿ ನೀನಿದ್ದೆಯಾ ಎಂದು ಕೇಳುವ ಗುಲಾಮರ ಭಕ್ತಿಗೀತೆಯನ್ನು ಅವರಿಂದ ಹಾಡಿಸಿ ಕೇಳಿದರು. ಥರ್ಮನ್ 1949ರಲ್ಲಿ ಪ್ರಕಟಿಸಿದ ‘ಜೀಸಸ್ ಆ್ಯಂಡ್ ದಿ ಡಿಸ್‌ಇನ್‌ಹೆರಿಟೆಡ್’ ಕೊಲಂಬೊದ ಆ ಪ್ರಶ್ನೆಗೆ ಕೊಟ್ಟ ಉತ್ತರವೆನ್ನಬಹುದು. ಯೇಸು ಬಡವ, ಯೆಹೂದ್ಯ, ರೋಮಿನ ಆಳ್ವಿಕೆಯ ಕೆಳಗೆ ಬೆನ್ನು ಗೋಡೆಗೆ ಒತ್ತಿ ನಿಂತ ಜನರಲ್ಲೊಬ್ಬ ಎಂಬುದು ಅದರ ಆರಂಭಬಿಂದು.

‘ಕಪ್ಪು ದೈವಶಾಸ್ತ್ರ’ ಎಂಬ ಹೆಸರಿನಡಿ ಇದಕ್ಕೊಂದು ವ್ಯವಸ್ಥಿತ ರೂಪ ಕೊಟ್ಟವರು ಜೇಮ್ಸ್ ಕೋನ್ (1938–2018). ಆರ್ಕನ್ಸಾದ ಬೇರ್ಡನ್ ಎಂಬ ಸಣ್ಣ ಊರಿನಲ್ಲಿ ಬೆಳೆದು, ಸ್ವಿಸ್ ದೈವಶಾಸ್ತ್ರಜ್ಞ ಕಾರ್ಲ್ ಬಾರ್ತ್ ಕುರಿತು ಡಾಕ್ಟರೇಟ್ ಪಡೆದು, ಮುಂದೆ ನ್ಯೂಯಾರ್ಕಿನ ಯೂನಿಯನ್ ಥಿಯಾಲಾಜಿಕಲ್ ಸೆಮಿನರಿಯಲ್ಲಿ ದಶಕಗಳ ಕಾಲ ಬೋಧಿಸಿದವರು. ಮಾರ್ಟಿನ್ ಲೂಥರ್ ಕಿಂಗ್ ಹತ್ಯೆಯಾದ 1968ರಲ್ಲಿ ಬರೆದ ಮೊದಲ ಪುಸ್ತಕ ಮರುವರ್ಷ ಪ್ರಕಟವಾಯಿತು. 1970ರಲ್ಲಿ ‘ಎ ಬ್ಲ್ಯಾಕ್ ಥಿಯಾಲಜಿ ಆಫ್ ಲಿಬರೇಶನ್’ ಬಂತು. ದೇವರು ಕಪ್ಪಗಿದ್ದಾನೆ ಎಂದು ಅವರು ಬರೆದದ್ದು ಚರ್ಮದ ಬಣ್ಣದ ವರ್ಣನೆಗಾಗಿ ಅಲ್ಲ. ಐಗುಪ್ತದಲ್ಲಿ (ಈಜಿಪ್ಟಿನಲ್ಲಿ) ಇಬ್ರಿಯ ಗುಲಾಮರ ಪಕ್ಷ ವಹಿಸಿದ ದೇವರು ಅಮೆರಿಕದಲ್ಲಿ ಯಾರ ಪಕ್ಷದಲ್ಲಿದ್ದಾನೆಂದು ಕೇಳಿದರೆ ಬೇರೆ ಉತ್ತರವಿಲ್ಲ, ಮತ್ತು ಆ ಪ್ರಶ್ನೆಯನ್ನೇ ಕೇಳದ ದೈವಶಾಸ್ತ್ರ ಕ್ರೈಸ್ತ ದೈವಶಾಸ್ತ್ರವೇ ಅಲ್ಲ ಎಂಬುದು ಅವರ ವಾದ. ಅವರ ಸ್ವಂತ ಸಹೋದರ ಸಿಸಿಲ್ ಕೋನ್ ಅವರೇ, ಈ ವಾದದ ಚೌಕಟ್ಟು ಕಪ್ಪುಜನರ ಭಕ್ತಿಪರಂಪರೆಗಿಂತ ಹೆಚ್ಚಾಗಿ ಬಿಳಿಯರ ವಿದ್ಯಾಪೀಠಗಳದ್ದೆಂದು ಆಕ್ಷೇಪಿಸಿದ್ದರು. ಮೊದಲ ಪುಸ್ತಕಗಳ ಮಟ್ಟಿಗೆ ಆ ಆಕ್ಷೇಪ ನ್ಯಾಯವಾದದ್ದೆಂದೇ ನನ್ನ ಅಭಿಪ್ರಾಯ.

ಕೋನ್ ಅವರ ಅತ್ಯುತ್ತಮ ಕೃತಿಯೆಂದು ನಾನು ಹೇಳುವುದು ತಡವಾಗಿ ಬಂದ, 2011ರ ‘ದಿ ಕ್ರಾಸ್ ಆ್ಯಂಡ್ ದಿ ಲಿಂಚಿಂಗ್ ಟ್ರೀ’ಯನ್ನು. ಅಲಬಾಮಾದ ಕಪ್ಪುಜನರ ವಿದ್ಯಾಸಂಸ್ಥೆಯಾದ ಟಸ್ಕೀಗಿಯ ದಾಖಲೆಯ ಪ್ರಕಾರ 1882ರಿಂದ 1968ರವರೆಗೆ ಅಮೆರಿಕದಲ್ಲಿ 4,743 ಜನರನ್ನು ಗುಂಪುಗಳು ಕೊಂದವು. ಅವರಲ್ಲಿ 3,446 ಜನ ಕಪ್ಪುವರ್ಣೀಯರು. ಕೊಂದವರಲ್ಲಿ ಬಹುಮಂದಿ ಚರ್ಚಿಗೆ ಹೋಗುವವರೇ. ಮರಕ್ಕೆ ತೂಗಿದ ಆ ದೇಹಗಳಿಗೂ ಕಲ್ವಾರಿಯ ಶಿಲುಬೆಗೂ ಇರುವ ಸಾಮ್ಯವನ್ನು ಕಪ್ಪು ಕವಿಗಳೂ ಗಾಯಕರೂ ಕಂಡರು. ಆದರೆ ಯೂನಿಯನ್ ಸೆಮಿನರಿಯಲ್ಲಿ ಅದೇ ಶಿಲುಬೆಯನ್ನು ಕುರಿತು ಆಳವಾಗಿ ಬರೆದ ಬಿಳಿಯ ದೈವಶಾಸ್ತ್ರಜ್ಞ ರೈನ್‌ಹೋಲ್ಡ್ ನೀಬರ್‌ಗೆ ಅದು ಏಕೆ ಕಾಣಲಿಲ್ಲ ಎಂದು ಕೋನ್ ಕೇಳುತ್ತಾರೆ. ಪ್ರಶ್ನೆಯ ತೂಕವಿರುವುದು ನೀಬರ್ ಕೆಟ್ಟವರಲ್ಲ ಎಂಬುದರಲ್ಲಿ.

ಈ ಪುಸ್ತಕದ ಚರ್ಚೆಯೇ ನಮ್ಮಲ್ಲಿ ಹೆಚ್ಚು ಕಾವೇರಿತು. 2000ದಲ್ಲಿ ಆಗಿನ ಕೋಲಾರ ಜಿಲ್ಲೆಯ ಕಂಬಾಲಪಲ್ಲಿಯಲ್ಲಿ ಏಳು ಮಂದಿ ದಲಿತರನ್ನು ಸುಟ್ಟರು. 2006ರಲ್ಲಿ ಇದೇ ಮಹಾರಾಷ್ಟ್ರದ ಖೈರ್ಲಾಂಜಿಯಲ್ಲಿ ಒಂದೇ ಕುಟುಂಬದ ನಾಲ್ವರನ್ನು ಕೊಂದರು. ಇಷ್ಟು ವರ್ಷಗಳಲ್ಲಿ ನಾನು ಕೇಳಿದ ಶುಭ ಶುಕ್ರವಾರದ ಪ್ರಸಂಗಗಳಲ್ಲಿ ಈ ಎರಡು ಹೆಸರುಗಳೂ ಬಂದಿಲ್ಲವೆಂದು ನಾನು ಹೇಳಿದಾಗ, ಸತ್ತವರು ಕ್ರೈಸ್ತರಲ್ಲವಲ್ಲ ಎಂದು ಒಬ್ಬರು ತಕರಾರು ತೆಗೆದರು. “ಶಿಲುಬಿ ಮ್ಯಾಲೆ ಜೀವ ಬಿಟ್ಟಾತನೂ ಯೆಹೂದ್ಯನೇ ಇದ್ದ, ಕ್ರಿಸ್ತಾನ ಇದ್ದಿಲ್ಲಲ್ರೀ” ಎಂದು ಬೀದರ್ ಕಡೆಯ ಹಿರಿಯರು ಉತ್ತರಿಸಿದರು. ದೈವಶಾಸ್ತ್ರಜ್ಞ ಅರವಿಂದ ನಿರ್ಮಲ್ ಅವರು 1981ರಲ್ಲಿ ಬೆಂಗಳೂರಿನ ಯುನೈಟೆಡ್ ಥಿಯಾಲಾಜಿಕಲ್ ಕಾಲೇಜಿನಲ್ಲಿ ಮಾಡಿದ ಭಾಷಣದಿಂದ ಇಲ್ಲಿನ ದಲಿತ ದೈವಶಾಸ್ತ್ರ ಆರಂಭವಾಯಿತೆನ್ನುತ್ತಾರೆ. ಧರ್ಮೋಪದೇಶಕಾಂಡದ 26ನೆಯ ಅಧ್ಯಾಯದಲ್ಲಿ ಇಸ್ರಾಯೇಲರು ತಮ್ಮ ಅಲೆಮಾರಿ ಪೂರ್ವಜನನ್ನು ನೆನೆದು ಮಾಡುವ ಅರಿಕೆಯನ್ನು ದಲಿತ ಪೂರ್ವಜರ ಕಥೆಯಾಗಿ ಓದಿದವರು ಅವರು. ಇದನ್ನು ಕೋನ್ ಅವರ ನಕಲೆಂದು ತಳ್ಳಿಹಾಕುವವರು ಫುಲೆಯವರ ಕಾಲವನ್ನು ಗಮನಿಸಿಲ್ಲ.

ಕೋನ್ ಅವರಿಗೂ ಕಾಣದ ಓದುಗರಿದ್ದರು: ಕಪ್ಪು ಮಹಿಳೆಯರು. ಡೆಲೋರಸ್ ವಿಲಿಯಮ್ಸ್ 1993ರ ‘ಸಿಸ್ಟರ್ಸ್ ಇನ್ ದಿ ವಿಲ್ಡರ್‌ನೆಸ್’ನಲ್ಲಿ ಇಸ್ರಾಯೇಲರ ಬಿಡುಗಡೆಯ ಕಥೆಯಿರುವ ವಿಮೋಚನಕಾಂಡವನ್ನು ಬಿಟ್ಟು ಆದಿಕಾಂಡದ ಹಾಗರಳನ್ನು ಹಿಡಿಯುತ್ತಾರೆ. ಐಗುಪ್ತದ ದಾಸಿಯಾದ ಆಕೆಯ ಗರ್ಭವನ್ನು ಮಕ್ಕಳಿಲ್ಲದ ಯಜಮಾನಿ ಸಂತಾನಕ್ಕಾಗಿ ಬಳಸಿಕೊಂಡಳು. ಕಿರುಕುಳ ತಾಳದೆ ಓಡಿಹೋದವಳನ್ನು ದೇವದೂತನು ಬಿಡಿಸಲಿಲ್ಲ, ಯಜಮಾನಿಯ ಬಳಿಗೇ ಹಿಂದಿರುಗಲು ಹೇಳಿದನು. ದೇವರು ಯಾವಾಗಲೂ ಬಿಡುಗಡೆ ಮಾಡುತ್ತಾನೆಂಬ ಕೋನ್ ಅವರ ಸೂತ್ರಕ್ಕೆ ಈ ಕಥೆ ಒಗ್ಗುವುದಿಲ್ಲ. ಇಲ್ಲಿ ದೇವರು ಕೊಡುವುದು ಬದುಕಿ ಉಳಿಯುವ ದಾರಿಯನ್ನು. ಇನ್ನೊಬ್ಬರಿಗಾಗಿ ನರಳುವುದನ್ನೇ ಪವಿತ್ರವೆನ್ನುವ ಶಿಲುಬೆಯ ವ್ಯಾಖ್ಯಾನವನ್ನೂ ವಿಲಿಯಮ್ಸ್ ನಿರಾಕರಿಸುತ್ತಾರೆ. ಮನೆಗೆಲಸ ಮಾಡಿ ಮಕ್ಕಳನ್ನು ಓದಿಸಿದ ನಮ್ಮ ಗುಂಪಿನ ಅಕ್ಕನೊಬ್ಬರಿಗೆ ಇದು ಕೂಡಲೇ ಹಿಡಿಸಿತು. ಗದಗದ ಅಣ್ಣನವರಿಗೆ ಒಪ್ಪಿಗೆಯಾಗಲಿಲ್ಲ; ಶಿಲುಬೆಯಿಂದ ನರಳಿಕೆಯನ್ನು ತೆಗೆದರೆ ಸುವಾರ್ತೆಯಲ್ಲಿ ಉಳಿಯುವುದೇನು ಎಂಬುದು ಅವರ ಪ್ರಶ್ನೆ. ನಾನು ಆ ಅಕ್ಕನ ಕಡೆಗೇ ಹೆಚ್ಚು ವಾಲುತ್ತೇನೆ. ಆದರೂ ಓದನ್ನು ಹೊಸದಾಗಿ ಆರಂಭಿಸುವವರಿಗೆ ಥರ್ಮನ್, ಆಮೇಲೆ ಕೋನ್, ಆಮೇಲೆ ವಿಲಿಯಮ್ಸ್ ಎಂಬ ಕ್ರಮವನ್ನೇ ಸೂಚಿಸುತ್ತೇನೆ. ಕೋನ್ ಅವರನ್ನು ಓದದೆ ವಿಲಿಯಮ್ಸ್ ಅವರನ್ನು ಓದಿದರೆ, ಅವರು ಯಾರ ಮನೆಯೊಳಗೆ ನಿಂತು ಜಗಳವಾಡುತ್ತಿದ್ದಾರೆಂಬುದೇ ತಿಳಿಯುವುದಿಲ್ಲ.