ನಿದ್ದೆಯಿಂದ ಬೆಚ್ಚಿ ಏಳುವ ಕ್ರಿಯಾಪದ: 41ನೆಯ ಕಾರ್ಡಿನ ಕೆಲಸ ಎಲ್ಲಿಗೆ ಬಂತು

ಬಳಕೆ ತಪ್ಪಿದ ನೂರು ಇಂಗ್ಲಿಷ್ ಕ್ರಿಯಾಪದಗಳಿಗೆ ಕನ್ನಡದಲ್ಲಿ ಅರ್ಥ ಬರೆದಿಡುವ ಕೆಲಸವನ್ನು ಕೈಗೆತ್ತಿಕೊಂಡು ಎರಡು ವರ್ಷವಾಗುತ್ತ ಬಂದಿದೆ. ಪದಕ್ಕೊಂದು ಕಾರ್ಡು, ಮುಂಬದಿಯಲ್ಲಿ ಪದ ಮತ್ತು ಅರ್ಥ, ಹಿಂಬದಿಯಲ್ಲಿ ಪ್ರಯೋಗಗಳು; ಎಲ್ಲವೂ ಒಂದು ಹಳೆಯ ಚಪ್ಪಲಿ ಡಬ್ಬದಲ್ಲಿವೆ. ನನಗೆ ನಾನೇ ಹಾಕಿಕೊಂಡ ನಿಯಮ ಒಂದೇ: ಕನಿಷ್ಠ ಮೂರು ಪ್ರಯೋಗಗಳನ್ನು ಕಣ್ಣಾರೆ ಓದದೆ ಮುಂಬದಿಯಲ್ಲಿ ಶಾಯಿಯಿಂದ ಏನನ್ನೂ ಬರೆಯಕೂಡದು. ತಿಂಗಳಿಗೆ ಒಂದೆರಡರಂತೆ 40 ಕಾರ್ಡುಗಳು ಮುಗಿದಿದ್ದವು. 41ನೆಯದಾದ ‘ಅಬ್ರೇಡ್’ ಮಾತ್ರ ಏಳು ವಾರಗಳನ್ನು ನುಂಗಿತು, ಮತ್ತು ಆ ನಿಯಮವನ್ನು ನಾನು ಮುರಿದದ್ದೇ ಅದಕ್ಕೆ ಮೊದಲ ಕಾರಣ.

ಮೊದಲ ವಾರ

ಪದದ ರೂಪವನ್ನು ಕಂಡೊಡನೆ ಅದು ಇಂದಿಗೂ ಬಳಕೆಯಲ್ಲಿರುವ, ಉಜ್ಜು, ಸವೆಸು ಎಂಬರ್ಥದ ಇಂಗ್ಲಿಷ್ ಕ್ರಿಯಾಪದದ ಹಳೆಯ ಕಾಗುಣಿತವಿರಬೇಕೆಂದು ಭಾವಿಸಿ, ಪ್ರಯೋಗ ನೋಡುವ ಮೊದಲೇ ‘ಉಜ್ಜು’ ಎಂದು ಶಾಯಿಯಲ್ಲಿ ಬರೆದುಬಿಟ್ಟೆ. ಉಚ್ಚಾರಣೆಯಲ್ಲಿ ಎರಡೂ ಒಂದೇ. ಹುಟ್ಟಿನಲ್ಲಿ ಸಂಬಂಧವೇ ಇಲ್ಲ. ಉಜ್ಜುವ ಪದ ಲ್ಯಾಟಿನ್‌ನಿಂದ ಬಂದದ್ದು. ನಮ್ಮ ‘ಅಬ್ರೇಡ್’ ಇಂಗ್ಲಿಷಿನ ಸ್ವಂತ ಮನೆಯದು: ಪ್ರಾಚೀನ ಇಂಗ್ಲಿಷಿನಲ್ಲಿ ‘ಬ್ರೆಗ್ದನ್’ ಎಂಬ ಧಾತುವಿಗೆ ‘ಆ’ ಎಂಬ ಪೂರ್ವಪ್ರತ್ಯಯ ಸೇರಿ ಆದ ರೂಪ. ಆ ಕಾರ್ಡನ್ನು ಹರಿದು ಹೊಸದನ್ನು ತೆಗೆದುಕೊಂಡೆ.

‘ಬ್ರೆಗ್ದನ್’ ಎಂದರೆ ಏನನ್ನಾದರೂ ಸರಕ್ಕನೆ ಚಲಿಸುವುದು, ಎಳೆಯುವುದು, ತಿರುಚುವುದು. ಪ್ರಾಚೀನ ಇಂಗ್ಲಿಷಿನ ‘ಬೇವುಲ್ಫ್’ ಕಾವ್ಯದಲ್ಲಿ ನಾಯಕನು ಗ್ರೆಂಡೆಲ್ ಎಂಬ ರಾಕ್ಷಸನ ತಾಯಿಯ ಗುಹೆಯಲ್ಲಿ ಕತ್ತಿಯನ್ನು ಸೆಳೆಯುವಲ್ಲಿ ಇದೇ ಧಾತುವಿನ ಭೂತಕಾಲದ ರೂಪವಿದೆ. ಅದೇ ಕಾವ್ಯದಲ್ಲಿ ಕಬ್ಬಿಣದ ಬಳೆಗಳನ್ನು ಒಂದಕ್ಕೊಂದು ಕೋದು ಹೆಣೆದ ಕವಚವನ್ನು ವರ್ಣಿಸುವುದಕ್ಕೂ ಇದೇ ಧಾತುವಿನ ಕೃದಂತ ಬಂದಿದೆ. ಹೆಣೆಯುವ ಅರ್ಥ ಇಂದಿನ ಇಂಗ್ಲಿಷಿನಲ್ಲಿ ಕೂದಲಿನ ಜಡೆಗೆ ಉಳಿದುಕೊಂಡಿದೆ. ‘ಅಪ್‌ಬ್ರೇಡ್’ ಎಂಬ ಸೋದರ ಪದ ಗದರಿಸುವುದಕ್ಕೆ ಉಳಿದಿದೆ. ಕತ್ತಿಯನ್ನು ಒರೆಯಿಂದ ಸೆಳೆಯುವ ಅರ್ಥ ಹೋಗಿದೆ. ಆದರೆ ನಿದ್ದೆಯ ವಿಷಯದಲ್ಲಿ ನನಗೆ ದಾರಿ ತೋರಿದ್ದು ಈ ಹೋಗಿಬಿಟ್ಟ ಅರ್ಥವೇ. ಒರೆಯಿಂದ ಕತ್ತಿ ಹೊರಬರುವಂತೆ ನಿದ್ದೆಯಿಂದ ಮನುಷ್ಯ ಹೊರಬರುತ್ತಾನೆ, ಮೆಲ್ಲನೆ ಅಲ್ಲ, ಸರಕ್ಕನೆ.

ಎರಡನೆಯ ಮತ್ತು ಮೂರನೆಯ ವಾರ

ಪ್ರಯೋಗಗಳ ಹುಡುಕಾಟ ಕಾಗುಣಿತದಿಂದಾಗಿಯೇ ತಡವಾಯಿತು. ಇಂದಿನ ಕಾಗುಣಿತ ಕೊಟ್ಟು ಹುಡುಕಿದರೆ 14ನೆಯ ಶತಮಾನದ ಇಂಗ್ಲಿಷ್ ಕವಿ ಚಾಸರನ ಪಠ್ಯಗಳಲ್ಲಿ ಏನೂ ಸಿಗುವುದಿಲ್ಲ, ಏಕೆಂದರೆ ಅಲ್ಲಿ ಅದು ‘ಅಬ್ರೈಡೆ’ ಎಂದು ಉಚ್ಚರಿಸಬೇಕಾದ ರೂಪದಲ್ಲಿದೆ, ಅದೂ ಎರಡು ಮೂರು ಬಗೆಯ ಬರಹದಲ್ಲಿ. ಮಿಷಿಗನ್ ವಿಶ್ವವಿದ್ಯಾಲಯವು 1952ರಿಂದ 2001ರವರೆಗೆ ಬಿಡಿ ಸಂಚಿಕೆಗಳಾಗಿ ಹೊರತಂದ ಮಧ್ಯಯುಗದ ಇಂಗ್ಲಿಷ್ ನಿಘಂಟು ಈಗ ಉಚಿತವಾಗಿ ತೆರೆದಿದೆ. ಅದರಲ್ಲಿ ರೂಪಭೇದಗಳನ್ನೆಲ್ಲ ನೋಡಿಕೊಂಡ ಮೇಲೆ ಕೆಲಸ ಹಗುರವಾಯಿತು.

ಮೊದಲು ಸಿಕ್ಕಿದ್ದು, ಯಾತ್ರಿಕರು ಒಬ್ಬೊಬ್ಬರಾಗಿ ಕಥೆ ಹೇಳುವ ಚಾಸರನ ‘ಕ್ಯಾಂಟರ್ಬರಿ ಕಥೆಗಳ’ಲ್ಲಿ ರೀವ್, ಅಂದರೆ ಜಮೀನಿನ ಮೇಲ್ವಿಚಾರಕ, ಹೇಳುವ ಕಥೆ. ಕೇಂಬ್ರಿಜ್ ಬಳಿಯ ಟ್ರಂಪಿಂಗ್ಟನ್ನಿನ ಗಿರಣಿಯವನ ಮನೆಯಲ್ಲಿ ಇಬ್ಬರು ವಿದ್ಯಾರ್ಥಿಗಳು ರಾತ್ರಿ ತಂಗುತ್ತಾರೆ. ಅವರಲ್ಲೊಬ್ಬನಾದ ಜಾನ್, ಗಿರಣಿಯವನು ಅಪಾಯದ ಮನುಷ್ಯ, ಅವನೇನಾದರೂ ನಿದ್ದೆಯಿಂದ ‘ಅಬ್ರೈಡೆ’ ಆದರೆ ನಮ್ಮಿಬ್ಬರಿಗೂ ಕೇಡು ಎಂದು ಗೆಳೆಯನನ್ನು ಎಚ್ಚರಿಸುತ್ತಾನೆ. ಈ ಇಬ್ಬರೂ ದೂರದ ಉತ್ತರದವರು, ಮತ್ತು ಚಾಸರ್ ಅವರ ಬಾಯಲ್ಲಿ ಉತ್ತರ ಇಂಗ್ಲೆಂಡಿನ ಆಡುಮಾತನ್ನೇ ಇಟ್ಟಿದ್ದಾನೆ. ‘ಇಫ್’ ಎನ್ನಬೇಕಾದಲ್ಲಿ ಜಾನ್ ‘ಗಿಫ್’ ಎನ್ನುತ್ತಾನೆ. ಆ ಸಂತೋಷದಲ್ಲಿ ನಾನು ಕಾರ್ಡಿನ ಮೂಲೆಯಲ್ಲಿ ‘ಉತ್ತರದ ಉಪಭಾಷೆ’ ಎಂದು ಗುರುತು ಹಾಕಿದೆ. ಪುಣ್ಯಕ್ಕೆ ಈ ಸಲ ಪೆನ್ಸಿಲಿನಲ್ಲಿ. ಅದೇ ಕಥೆಯ ಕೊನೆಯಲ್ಲಿ ಗಿರಣಿಯವನು ಹಿಂದಕ್ಕೆ ಮುಗ್ಗರಿಸಿ ಮಲಗಿದ್ದ ಹೆಂಡತಿಯ ಮೇಲೆ ಬಿದ್ದಾಗ ಅವಳು ನಿದ್ದೆಯಿಂದ ‘ಬ್ರೈಡೆ’ ಆಗುತ್ತಾಳೆ. ಪೂರ್ವಪ್ರತ್ಯಯವಿಲ್ಲದ ರೂಪ ಅದು, ಮತ್ತು ಅದನ್ನು ಹೇಳುವವರು ಉತ್ತರದ ಹುಡುಗರಲ್ಲ, ಕಥೆಗಾರ. ಮುಂದಿನ ವಾರ ಇನ್ನೂ ಮೂರು ಕಡೆ ಪದ ಸಿಕ್ಕಿತು, ಅಲ್ಲೆಲ್ಲ ಉತ್ತರದವರ ಸುಳಿವೇ ಇಲ್ಲ. ಉಪಭಾಷೆಯ ಗುರುತನ್ನು ಅಳಿಸಿಹಾಕಿದೆ. ಪಾತ್ರ ಆಡುವ ಮಾತಿನಲ್ಲಿರುವುದೆಲ್ಲ ಆ ಪಾತ್ರದ ಊರಿನ ಪದವೇ ಆಗಿರಬೇಕಿಲ್ಲ ಎಂಬುದು ಧಾರವಾಡದ ಸಂಭಾಷಣೆಗಳಿರುವ ಕನ್ನಡ ಕಾದಂಬರಿ ಓದಿದ ಯಾರಿಗಾದರೂ ಗೊತ್ತು. ನನಗೆ ಆ ಹೊತ್ತಿಗೆ ಹೊಳೆಯಲಿಲ್ಲ.

ನಾಲ್ಕನೆಯ ವಾರ

ಇಡೀ ಕೆಲಸದಲ್ಲಿ ನನಗೆ ಅತ್ಯಂತ ಹಿಡಿಸಿದ ಭಾಗ ಇದು, ಆದ್ದರಿಂದ ಸ್ವಲ್ಪ ವಿವರವಾಗಿಯೇ ಬರೆಯುತ್ತೇನೆ.

ಅದೇ ‘ಕ್ಯಾಂಟರ್ಬರಿ ಕಥೆಗಳ’ಲ್ಲಿ ಕ್ರೈಸ್ತ ಸಂನ್ಯಾಸಿನಿಯ ಜೊತೆಗಿರುವ ಪಾದ್ರಿ ಹೇಳುವ ಕಥೆಯಲ್ಲಿ ಚಾಂಟೆಕ್ಲಿಯರ್ ಎಂಬ ಹುಂಜ ತನ್ನ ಹೇಂಟೆ ಪರ್ಟೆಲೋಟಳಿಗೆ, ಕನಸನ್ನು ಕಡೆಗಣಿಸಬಾರದು ಎಂದು ವಾದಿಸುತ್ತ ಒಂದು ದೃಷ್ಟಾಂತ ಹೇಳುತ್ತದೆ. (ಎಚ್ಚರದ ವಿಷಯದಲ್ಲಿ ಹುಂಜಕ್ಕಿಂತ ಹೆಚ್ಚಿನ ಅಧಿಕಾರವಾಣಿ ಎಲ್ಲಿ ಸಿಕ್ಕೀತು?) ಇಬ್ಬರು ಯಾತ್ರಿಕರು ಒಂದು ಪಟ್ಟಣ ತಲುಪುತ್ತಾರೆ, ಜಾಗವಿಲ್ಲದ್ದರಿಂದ ಬೇರೆ ಬೇರೆ ಕಡೆ ತಂಗಬೇಕಾಗುತ್ತದೆ, ಒಬ್ಬನಿಗೆ ಎತ್ತಿನ ಕೊಟ್ಟಿಗೆಯೇ ಗತಿಯಾಗುತ್ತದೆ. ರಾತ್ರಿ ಇನ್ನೊಬ್ಬನ ಕನಸಿನಲ್ಲಿ ಗೆಳೆಯ ಬಂದು, ಈ ಕೊಟ್ಟಿಗೆಯಲ್ಲಿ ನನ್ನನ್ನು ಕೊಲ್ಲಲಿದ್ದಾರೆ, ಬೇಗ ಬಾ ಎಂದು ಕೂಗುತ್ತಾನೆ. ಆಗ ಬರುವ ಸಾಲಿನಲ್ಲಿ ಈ ಮನುಷ್ಯ ಭಯದಿಂದ ನಿದ್ದೆಯೊಳಗಿಂದ ‘ಅಬ್ರೈಡೆ’ ಆಗುತ್ತಾನೆ. ಮರುಸಾಲಿನಲ್ಲಿ ಚಾಸರ್ ಹೇಳುವುದು: ಆದರೆ ಅವನು ನಿದ್ದೆಯಿಂದ ಎಚ್ಚರಗೊಂಡ ಮೇಲೆ ಮಗ್ಗುಲು ಬದಲಿಸಿದ, ಅದನ್ನು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಮೂರನೆಯ ಸಲ ಕನಸಿನಲ್ಲಿ ಬಂದ ಗೆಳೆಯ ಆಗಲೇ ಸತ್ತಿರುತ್ತಾನೆ, ಮತ್ತು ತನ್ನ ಹೆಣವನ್ನು ಗೊಬ್ಬರದ ಗಾಡಿಯಲ್ಲಿ ಮುಚ್ಚಿಟ್ಟು ಊರಿನ ಪಶ್ಚಿಮದ ಬಾಗಿಲಿಗೆ ಸಾಗಿಸುತ್ತಾರೆಂದು ತಿಳಿಸುತ್ತಾನೆ.

ಎರಡು ಸಾಲುಗಳಲ್ಲಿ ಎರಡು ಕ್ರಿಯಾಪದಗಳು, ನಡುವೆ ಒಂದು ‘ಆದರೆ’. ‘ಅಬ್ರೈಡೆ’ ಎಂದರೆ ಎಚ್ಚರಗೊಳ್ಳುವುದೇ ಆಗಿದ್ದರೆ ಎರಡನೆಯ ಕ್ರಿಯಾಪದಕ್ಕೆ ಅಲ್ಲಿ ಕೆಲಸವಿರುತ್ತಿರಲಿಲ್ಲ. ಮೊದಲನೆಯದು ಮೈ ಮಾಡುವ ಕೆಲಸ: ಭಯ ಇನ್ನೂ ಎದೆಯಲ್ಲಿರುವಾಗಲೇ ದಿಗ್ಗನೆ ಏಳುವುದು. ಎರಡನೆಯದು ಬುದ್ಧಿ ಮಾಡುವ ಕೆಲಸ, ಮತ್ತು ಈ ಕಥೆಯಲ್ಲಿ ಬುದ್ಧಿ ಮಾಡುವ ಕೆಲಸವೇ ತಪ್ಪು. ಮೈಗೆ ನಿಜ ತಿಳಿದಿತ್ತು; ಪೂರಾ ಎಚ್ಚರವಾದ ಮನುಷ್ಯ ಅದನ್ನು ಕನಸೆಂದು ತಳ್ಳಿಹಾಕಿ ಮತ್ತೆ ಮಲಗಿದ. ನಿಘಂಟುಗಳು ‘ಎಚ್ಚರಗೊಳ್ಳು’ ಎಂಬ ಅರ್ಥವನ್ನೇ ಮೊದಲು ಕೊಡುತ್ತವೆ. ವೆಬ್‌ಸ್ಟರ್ ನಿಘಂಟಿನ 1913ರ ಆವೃತ್ತಿ ‘ಎಚ್ಚರಗೊಳ್ಳು’, ‘ಎಬ್ಬಿಸು’ ಎಂದ ಮೇಲೆ ‘ದಿಗ್ಗನೆ ಏಳು’, ‘ಕೂಗು’ ಎಂಬುವನ್ನು ಸೇರಿಸುತ್ತದೆ. ನನ್ನ ಕಾರ್ಡಿನಲ್ಲಿ ಆ ಕ್ರಮವನ್ನು ತಿರುವುಮುರುವು ಮಾಡಿದ್ದೇನೆ, ಮತ್ತು ಅದಕ್ಕೆ ಈ ಎರಡು ಸಾಲುಗಳೇ ಆಧಾರ.

ಮತ್ತೆರಡು ಪ್ರಯೋಗಗಳು ಇದನ್ನೇ ಬೆಂಬಲಿಸಿದವು. ವಿದ್ವಾಂಸ ಹೇಳುವ ಕಥೆಯಲ್ಲಿ ಗ್ರಿಸೆಲ್ಡಾ ವರ್ಷಗಟ್ಟಲೆ ಗಂಡನ ಕ್ರೂರ ಪರೀಕ್ಷೆಗಳನ್ನು ಸಹಿಸಿದವಳು. ಕೊನೆಗೊಂದು ದಿನ ಅವನು ಸಾಕೆಂದು ಅವಳನ್ನು ಅಪ್ಪಿ ಮುದ್ದಿಟ್ಟಾಗ ಅವನು ಏನು ಹೇಳಿದನೆಂಬುದೇ ಅವಳಿಗೆ ಕೇಳಿಸುವುದಿಲ್ಲ, ನಿದ್ದೆಯಿಂದ ಹಠಾತ್ತನೆ ಎದ್ದವಳಂತೆ ಇರುತ್ತಾಳೆ, ಆ ಮಂಕಿನಿಂದ ‘ಅಬ್ರೈಡೆ’ ಆಗುವ ತನಕ. ಇಲ್ಲಿ ನಿದ್ದೆಯೇ ಇಲ್ಲ, ಹೋಲಿಕೆಗೆ ಮಾತ್ರ ಇದೆ. ಚಾಸರನದೇ ಆದ ‘ಕೀರ್ತಿಯ ಮನೆ’ ಎಂಬ ಕಾವ್ಯದಲ್ಲಿ ಹದ್ದೊಂದು ಕವಿಯನ್ನು ಉಗುರುಗಳಲ್ಲಿ ಹಿಡಿದು ಆಕಾಶಕ್ಕೆ ಹಾರುತ್ತದೆ; ಬೆದರಿ ಮೈಮರೆತಿರುವ ಅವನು ಚೆನ್ನಾಗಿ ‘ಅಬ್ರೈಡೆ’ ಆಗಲೆಂದು, ಅವನಿಗೆ ಪರಿಚಯದ ಒಬ್ಬರ ದನಿಯಲ್ಲಿಯೇ ‘ಎದ್ದೇಳು’ ಎನ್ನುತ್ತದೆ. ಆ ಪರಿಚಯದವರು ಯಾರೆಂದು ಹೇಳಬಲ್ಲೆ ಎನ್ನುವ ಕವಿ ಹೆಸರನ್ನು ಮಾತ್ರ ಹೇಳುವುದಿಲ್ಲ.

ಐದನೆಯ ವಾರ: ಪ್ರಾಸ

ಹಿಂಬದಿಯಲ್ಲಿ ಸಾಲುಗಳನ್ನು ಒಂದರ ಕೆಳಗೊಂದು ಬರೆದುಕೊಳ್ಳುವಾಗ ಬಲಗಡೆಯ ಅಂಚು ಕಣ್ಣಿಗೆ ಬಿತ್ತು. ಗಿರಣಿಯವನ ಭಯ, ಅವನ ಹೆಂಡತಿಯ ಬೆಚ್ಚುವಿಕೆ, ಯಾತ್ರಿಕನ ಕನಸು, ಗ್ರಿಸೆಲ್ಡಾಳ ಮಂಕು, ಹದ್ದಿನ ಕೂಗು, ಈ ಐದರಲ್ಲಿ ಐದೂ ಕಡೆ ‘ಬ್ರೈಡೆ’ ಅಥವಾ ‘ಅಬ್ರೈಡೆ’ಗೆ ಅಂತ್ಯಪ್ರಾಸವಾಗಿ ಬಂದಿರುವುದು ‘ಸೈಡೆ’, ಅಂದರೆ ‘ಹೇಳಿದನು’ ಅಥವಾ ‘ಹೇಳಿದಳು’. ಕಥನಕಾವ್ಯದಲ್ಲಿ ‘ಹೇಳಿದನು’ ಎಂಬುದು ಹೆಜ್ಜೆಹೆಜ್ಜೆಗೂ ಬೇಕಾಗುವ ಪದ. ಅದಕ್ಕೆ ಹೊಂದುವ ಪ್ರಾಸಪದ ಯಾವಾಗಲೂ ಕೈಗೆಟುಕುವಂತಿರಬೇಕು. ಈ ಕ್ರಿಯಾಪದ ಕಾವ್ಯದಲ್ಲಿ ಅಷ್ಟು ನೆಮ್ಮದಿಯಾಗಿ ಬಾಳಿದ್ದಕ್ಕೆ ಅದರ ಅರ್ಥದಷ್ಟೇ ಅದರ ಬಾಲವೂ ಕಾರಣ ಎಂಬುದು ನನ್ನ ಊಹೆ. ಆದಿಪ್ರಾಸಕ್ಕಾಗಿ ಎರಡನೆಯ ಅಕ್ಷರ ಹುಡುಕುತ್ತ, ಆಡುಮಾತಿನಿಂದ ಮರೆಯಾದ ಪದಗಳನ್ನು ಕಂದಪದ್ಯದಲ್ಲಿ ಉಳಿಸಿಕೊಂಡ ನಮ್ಮ ಹಳೆಯ ಕವಿಗಳನ್ನು ಓದಿದವರಿಗೆ ಈ ವ್ಯವಹಾರ ಹೊಸದಲ್ಲ.

ಆರನೆಯ ವಾರ

ಕವಿ ಎಡ್ಮಂಡ್ ಸ್ಪೆನ್ಸರ್ 1590ರಲ್ಲಿ ತನ್ನ ದೀರ್ಘಕಾವ್ಯ ‘ಫೇರಿ ಕ್ವೀನ್’ನ ಮೊದಲ ಮೂರು ಭಾಗಗಳನ್ನು ಪ್ರಕಟಿಸುವ ಹೊತ್ತಿಗೆ ಚಾಸರ್ ತೀರಿಕೊಂಡು 190 ವರ್ಷಗಳಾಗಿದ್ದವು, ಮತ್ತು ಸ್ಪೆನ್ಸರ್ ಹಳೆಯ ಪದಗಳನ್ನು ಬೇಕೆಂದೇ ಹೆಕ್ಕಿ ಬಳಸುವವನು. ಮೂರನೆಯ ಭಾಗದ ಮೊದಲ ಸರ್ಗದಲ್ಲಿ ಮ್ಯಾಲಕಾಸ್ಟಾ ಎಂಬಾಕೆ, ಕವಚ ತೊಟ್ಟ ವೀರಕನ್ಯೆ ಬ್ರಿಟೊಮಾರ್ಟಳನ್ನು ಗಂಡಸೆಂದೇ ನಂಬಿ ನಡುರಾತ್ರಿ ಅವಳ ಹಾಸಿಗೆಯ ಬಳಿ ಬರುತ್ತಾಳೆ. ಕೈಯಿಂದ ಮುಟ್ಟಿ, ಕಿವಿಗೊಟ್ಟು, ಉಸಿರಿನ ಸದ್ದನ್ನೂ ಪರೀಕ್ಷಿಸಿ, ತಿಳಿಯದೆ ಎಲ್ಲಿ ‘ಅಬ್ರೇಡ್’ ಮಾಡಿಬಿಡುವೆನೋ ಎಂಬ ಭಯದಲ್ಲಿ ಕಸೂತಿಯ ಹೊದಿಕೆಯನ್ನು ಮೆಲ್ಲನೆ ಎತ್ತಿ ಪಕ್ಕದಲ್ಲಿ ಮಲಗುತ್ತಾಳೆ. ಇಲ್ಲಿ ಪದ ಸಕರ್ಮಕವಾಗಿದೆ. ಅದೇ ಪದ್ಯದ ಕೊನೆಗೆ ಬ್ರಿಟೊಮಾರ್ಟ್ ತಾನಾಗಿಯೇ ಮಗ್ಗುಲು ಬದಲಿಸಲು ಎಚ್ಚರವಾಗುತ್ತಾಳೆ, ಮತ್ತು ಆಗ ಸ್ಪೆನ್ಸರ್ ಬಳಸುವುದು ‘ಅವೇಕ್’. ಮೆಲ್ಲನೆಯ ಎಚ್ಚರಕ್ಕೆ ಒಂದು, ಬೆಚ್ಚಿಸುವುದಕ್ಕೆ ಇನ್ನೊಂದು: ಹುಂಜದ ಕಥೆಯ ಎರಡು ಸಾಲುಗಳಲ್ಲಿ ಕಂಡ ಭೇದವೇ ಇಲ್ಲಿಯೂ ಉಳಿದಿದೆ.

ಉಪಭಾಷೆಯ ಗುರುತನ್ನು ಅಳಿಸಿದ್ದೆನಲ್ಲ, ಅದರ ಅರ್ಧವನ್ನು ಮತ್ತೆ ಬರೆಯಬೇಕಾಗಿ ಬಂತು. 1847ರ ಹ್ಯಾಲಿವೆಲ್‌ನ ಪ್ರಾಚೀನ ಮತ್ತು ಪ್ರಾಂತೀಯ ಪದಗಳ ನಿಘಂಟಿನಲ್ಲಿ ಈ ಪದಕ್ಕೆ ಉತ್ತರ ಇಂಗ್ಲೆಂಡಿನ ಬಳಕೆಯೊಂದಿದೆ: ತಿಂದದ್ದು ಒಗ್ಗದೆ, ಜೀರ್ಣವಾಗದೆ, ಓಕರಿಕೆಯೊಡನೆ ಮೇಲಕ್ಕೆ ಬರುವುದು. ನಿದ್ದೆಯಿಂದ ದಿಗ್ಗನೆ ಮೇಲೇಳುತ್ತಿದ್ದ ಕ್ರಿಯಾಪದ ಹೊಟ್ಟೆಯಿಂದ ಮೇಲೇಳುವ ಊಟಕ್ಕೆ ಇಳಿದದ್ದನ್ನು ಕಂಡು ನಗು ಬಂತಾದರೂ, ಒಳಗಿರುವುದು ತಾನಾಗಿ ಮೇಲಕ್ಕೆ ನುಗ್ಗುವ ಚಲನೆ ಎರಡರಲ್ಲೂ ಒಂದೇ.

ಏಳನೆಯ ವಾರ: ಕನ್ನಡದ ಅರ್ಥ

ಇದೇ ಎಲ್ಲಕ್ಕಿಂತ ಸುಲಭವೆಂದುಕೊಂಡಿದ್ದೆ. ‘ಎಚ್ಚರಗೊಳ್ಳು’ ಸಲ್ಲದು, ಕಾರಣ ಮೇಲೆ ಹೇಳಿದ್ದೇನೆ. ‘ಬೆಚ್ಚು’ ಎಂದು ಬರೆದು ಅಮ್ಮನಿಗೆ ತೋರಿಸಿದೆ. ಇಂಗ್ಲಿಷಿನ ಕಥೆಯನ್ನು ಕೇಳಿದ ಮೇಲೆ ಅವರು ಹೇಳಿದ್ದು: “ಮಗು ನಿದ್ದೆಯಲ್ಲಿ ಬೆಚ್ಚುತ್ತದಪ್ಪ, ಆದರೆ ಏಳುವುದಿಲ್ಲ. ಎದೆಯ ಮೇಲೆ ಕೈಯಿಟ್ಟರೆ ಹಾಗೇ ಮಲಗುತ್ತದೆ. ನಿನ್ನ ಯಾತ್ರಿಕ ಎದ್ದನೋ ಇಲ್ಲವೋ?” ಎದ್ದ. ಹಾಗಾಗಿ ‘ಬೆಚ್ಚು’ ಒಂದೇ ಸಾಲದು. ಹಳಗನ್ನಡದ ‘ಬೆರ್ಚು’ ಎಂಬ ರೂಪದಲ್ಲಿಯೂ ಹೆದರಿಕೆಯೇ ಮುಖ್ಯ, ಹೊರಬರುವ ಚಲನೆಯಲ್ಲ. ‘ಬೆಚ್ಚಿ ಏಳು’ ಎಂದಾಗ ಎರಡೂ ಸೇರುತ್ತವೆ, ಆದರೆ ಗ್ರಿಸೆಲ್ಡಾಳಿಗೆ ಅದು ಹೊಂದದು, ಅವಳಲ್ಲಿ ಹೆದರಿಕೆಯಿಲ್ಲ. ಕೊನೆಗೆ ಕಾರ್ಡಿನಲ್ಲಿ ನಿಂತದ್ದು ಹೀಗೆ: ನಿದ್ದೆಯಿಂದ, ಮಂಕಿನಿಂದ ದಿಗ್ಗನೆ ಏಳು, ಬೆಚ್ಚಿ ಏಳು, ಸ್ಪೆನ್ಸರನಲ್ಲಿ ಬೆಚ್ಚಿಬೀಳಿಸಿ ಎಬ್ಬಿಸು, ಉತ್ತರದಲ್ಲಿ ತಿಂದದ್ದು ಹೊಟ್ಟೆ ತೊಳಸಿ ಮೇಲಕ್ಕೆ ಬರು. ‘ದಿಗ್ಗನೆ’ ಎಂಬ ಅನುಕರಣ ಪದವನ್ನು ಅರ್ಥದ ಭಾಗವಾಗಿ ಬರೆದದ್ದು 41 ಕಾರ್ಡುಗಳಲ್ಲಿ ಇದೇ ಮೊದಲು. ಇಂಗ್ಲಿಷ್ ಒಂದು ಧಾತುವಿನಲ್ಲಿ ಇಟ್ಟಿದ್ದ ರಭಸವನ್ನು ಕನ್ನಡ ಇಂಥ ಪದಗಳಲ್ಲಿ ಇಡುತ್ತದೆ, ಆದ್ದರಿಂದ ಅದನ್ನು ಬಿಟ್ಟರೆ ಅರ್ಥ ಅರ್ಧವಾಗುತ್ತದೆ.

42ನೆಯ ಕಾರ್ಡಿಗೆ ‘ಅಡಾ’ ಎಂಬ ಪದವನ್ನು ತೆಗೆದುಕೊಂಡಿದ್ದೇನೆ, ಅದೂ ಏಳುವುದಕ್ಕೆ ಸಂಬಂಧಿಸಿದ್ದೇ, ಆದರೆ ಅದರ ಬೇರು ‘ಹಗಲು’ ಎಂಬ ಪದದಲ್ಲಿದೆ. ವರ್ತಕ ಹೇಳುವ ಕಥೆಯಲ್ಲಿ ಕುರುಡ ಮುದುಕ ಜನವರಿಗೆ ಹಠಾತ್ತನೆ ದೃಷ್ಟಿ ಮರಳಿ, ಪೇರುಮರದ ಮೇಲೆ ಹೆಂಡತಿಯನ್ನೂ ಅವಳ ಪ್ರಿಯನನ್ನೂ ಕಂಡಾಗ ಅವಳು ತಡಮಾಡದೆ ಕೊಡುವ ಸಮಾಧಾನದಲ್ಲಿ ಈ ಪದ ಬರುತ್ತದೆ: ನಿದ್ದೆಯಿಂದ ಎದ್ದವನು ಪೂರಾ ‘ಅಡಾ’ ಆಗುವವರೆಗೆ ಯಾವುದನ್ನೂ ಸರಿಯಾಗಿ ಕಾಣಲಾರ. ಪೆನ್ಸಿಲಿನಲ್ಲಿ ಸದ್ಯಕ್ಕೆ ‘ಕಣ್ಣು ಬೆಳಗಾಗು’ ಎಂದು ಬರೆದಿಟ್ಟಿದ್ದೇನೆ. ಇನ್ನೂ ಎರಡು ಪ್ರಯೋಗಗಳನ್ನು ಓದುವುದಿದೆ, ಶಾಯಿ ಅಲ್ಲಿಯವರೆಗೆ ಮೇಜಿನ ಖಾನೆಯಲ್ಲಿಯೇ ಇರುತ್ತದೆ.